ನೀರು ಬಿಟ್ಟ ಭಾನುವಾರ

ಚಾಕು ಸಲೀಸಾಗಿ ಇಳಿಯಿತು. ಅಲ್ಲೇ ನನಗೆ ಅನುಮಾನ ಬರಬೇಕಿತ್ತು. ಮೇಲೆ ಚೀಸ್ ಹೊಂಬಣ್ಣಕ್ಕೆ ತಿರುಗಿತ್ತು, ಅಂಚೆಲ್ಲ ಗರಿಗರಿಯಾಗಿತ್ತು. ಮನೆ ತುಂಬ ಜೀರಿಗೆಯ ಘಮ. ಮೊದಲ ಚೌಕ ಎತ್ತಿದೆ. ಅದು ಎದ್ದು ಬಂದ ಜಾಗಕ್ಕೆ ಸುತ್ತಲಿಂದ ತಿಳಿಗೆಂಪು ನೀರು ಮೆಲ್ಲಗೆ ಜಿನುಗಿ ಬಂದು ನಿಂತಿತು. ಮೇಜಿನ ಸುತ್ತ ಎಂಟು ಜನ ತಟ್ಟೆ ಹಿಡಿದುಕೊಂಡು ನೋಡುತ್ತಿದ್ದರು.

"ಏನೋ ಇದು, ಬಾವಿ ತೋಡಿದ್ದೀಯಾ?" ಅಂದಳು ಅಕ್ಕ.

ಎಲ್ಲರೂ ನಕ್ಕರು. ನಾನೂ ನಕ್ಕೆ. ನಗದೆ ಇನ್ನೇನು ಮಾಡೋದು?

ಇದೆಲ್ಲ ಶುರುವಾದದ್ದು ನನ್ನ ಬಾಯಿಂದಲೇ. ಆಫೀಸಿನಲ್ಲಿ ಹೊಸದಾಗಿ ಬಂದ ಸಹೋದ್ಯೋಗಿಯೊಬ್ಬರು ಮೂರು ವರ್ಷ ಮೆಕ್ಸಿಕೊ ಸಿಟಿಯಲ್ಲಿದ್ದವರು. ಅಲ್ಲಿನ ತಿಂಡಿ ನೆನಪಾಗುತ್ತದೆ ಅಂತ ಒಮ್ಮೆ ಹೇಳಿದರು. "ಭಾನುವಾರ ಬ್ರಂಚಿಗೆ ಬನ್ನಿ, ಮೆಕ್ಸಿಕನ್ ಎಗ್ ಕ್ಯಾಸರೋಲ್ ಮಾಡ್ತೀನಿ" ಅಂದುಬಿಟ್ಟೆ. ಅಲ್ಲಿಯವರೆಗೆ ನಾನು ಕ್ಯಾಸರೋಲನ್ನು ತಿಂದಿದ್ದೆ, ಮಾಡಿರಲಿಲ್ಲ. ಒಬ್ಬರನ್ನು ಕರೆದ ಮೇಲೆ ಇನ್ನೊಬ್ಬರನ್ನು ಬಿಡೋಕಾಗಲ್ಲ. ಹಾಗೆ ಹೀಗೆ ಎಂಟು ಜನರಾದರು.

ಬ್ರಂಚ್ ಅನ್ನೋ ಪದವನ್ನು ಅಚ್ಚಿಗೆ ತಂದದ್ದು ಗೈ ಬೆರಿಂಜರ್ ಅನ್ನುವ ಇಂಗ್ಲಿಷ್ ಬರಹಗಾರ, 1895ರಲ್ಲಿ. ಶನಿವಾರ ರಾತ್ರಿ ಮಜಾ ಮಾಡಿದವರು ಭಾನುವಾರ ತಡವಾಗಿ ಎದ್ದು, ತಿಂಡಿ ಊಟ ಎರಡನ್ನೂ ಒಟ್ಟಿಗೆ ಮುಗಿಸಲಿ ಅನ್ನುವುದು ಅವನ ವಾದ. ತಿನ್ನುವವರಿಗೆ ಇದು ಸರಿ. ಮಾಡುವವನು ಮಾತ್ರ ಬೇಗ ಏಳಬೇಕಲ್ವಾ? ಕ್ಯಾಸರೋಲ್ ನನಗೆ ಹಿಡಿಸಿದ್ದೇ ಅದಕ್ಕೆ. ಅಗಲ ಪಾತ್ರೆಯಲ್ಲಿ ಹಿಂದಿನ ರಾತ್ರಿಯೇ ಎಲ್ಲ ಜೋಡಿಸಿ ಫ್ರಿಜ್ಜಿಗೆ ತಳ್ಳಿದರೆ ಆಯಿತು, ಬೆಳಿಗ್ಗೆ ಓವನ್ನಿಗೆ ಇಟ್ಟು ಸುಮ್ನೆ ಕೂತಿರಬಹುದು. ಎಂಟು ಜನಕ್ಕೆ ಒಬ್ಬೊಬ್ಬರಿಗೂ ಆಮ್ಲೆಟ್ ಹಾಕುತ್ತಾ ಒಲೆ ಮುಂದೆ ನಿಲ್ಲುವ ಕೆಲಸ ಇಲ್ಲ. ಅಂತ ಅಂದುಕೊಂಡಿದ್ದೆ.

ಶನಿವಾರ ರಾತ್ರಿ ಹದಿಮೂರು ಇಂಚು ಉದ್ದ, ಒಂಬತ್ತು ಇಂಚು ಅಗಲದ ಗಾಜಿನ ಪಾತ್ರೆ ಹೊರಗೆ ತೆಗೆದೆ. ತಳಕ್ಕೆ ಮೆಕ್ಕೆಜೋಳದ ಟಾರ್ಟಿಯಾ, ಅಂದರೆ ತೆಳು ರೊಟ್ಟಿ, ಹರಿದು ಹಾಸಿದೆ. ಅದರ ಮೇಲೆ ಡಬ್ಬಿಯ ಕಪ್ಪು ಬೀನ್ಸ್. ಎರಡು ಕ್ಯಾಪ್ಸಿಕಂ, ನಾಲ್ಕು ಟೊಮ್ಯಾಟೊ, ಎರಡು ಈರುಳ್ಳಿ, ಎಲ್ಲ ಹಸಿಯಾಗೇ ಹೆಚ್ಚಿ ಸುರಿದೆ. ಫ್ರೀಜರಿನಲ್ಲಿದ್ದ ಮೆಕ್ಕೆಜೋಳದ ಕಾಳು ಒಂದು ಕಪ್, ಮಂಜುಗಡ್ಡೆಯ ಸಮೇತ. ಅದರ ಮೇಲೆ ಧಾರಾಳವಾಗಿ ಸಾಲ್ಸಾ, ಅದೇ ಟೊಮ್ಯಾಟೊ ಮೆಣಸಿನಕಾಯಿಯ ಗೊಜ್ಜು. ಆಮೇಲೆ ಹನ್ನೆರಡು ಮೊಟ್ಟೆಗೆ ಎರಡು ಕಪ್ ಹಾಲು, ಉಪ್ಪು, ಜೀರಿಗೆ ಪುಡಿ ಹಾಕಿ ಕಡೆದು ಎಲ್ಲದರ ಮೇಲೆ ಹೊಯ್ದೆ. ಕೊನೆಗೆ ಚೀಸ್. ನೋಡೋಕೆ ಎಷ್ಟು ಚೆನ್ನಾಗಿತ್ತು ಅಂದರೆ ಒಂದು ಫೋಟೊ ಕೂಡ ತೆಗೆದೆ. ಆ ಫೋಟೊ ಈಗಲೂ ಇದೆ, ತಪ್ಪುಗಳೆಲ್ಲ ಒಂದೇ ಚೌಕಟ್ಟಿನಲ್ಲಿ ಸಿಗುತ್ತವೆ.

ಬೆಳಿಗ್ಗೆ ನೋಡಿದಾಗ ಪಾತ್ರೆಯ ಅಂಚಿನಲ್ಲಿ ತೆಳ್ಳಗೆ ನೀರು ನಿಂತಿತ್ತು. ಹಾಲಿರಬೇಕು ಅಂದುಕೊಂಡೆ. ಕೊರೆಯುವ ಗಾಜಿನ ಪಾತ್ರೆಯನ್ನು ಹಾಗೇ 180 ಡಿಗ್ರಿಗೆ ಕಾದ ಓವನ್ನಿಗೆ ಇಟ್ಟೆ. ಗಾಜು ಸೀಳದೆ ಉಳಿದದ್ದು ನನ್ನ ಪುಣ್ಯ. ಅಂಥ ಕೆಲಸ ಯಾರೂ ಮಾಡಬಾರದು. ನಲವತ್ತೈದು ನಿಮಿಷಕ್ಕೆ ಮೇಲೆಲ್ಲ ಕೆಂಪಗಾಯಿತು, ಕರೆಗಂಟೆಯೂ ಹೊಡೆಯಿತು. ತೆಗೆದೆ, ತಂದೆ, ಕತ್ತರಿಸಿದೆ. ಮುಂದಿನದು ಗೊತ್ತೇ ಇದೆ.

ಆಮೇಲೆ ಮಾಡಿದ ತಪ್ಪು ಇನ್ನೂ ದೊಡ್ಡದು. ನಡುವೆ ಬೆಂದಿಲ್ಲ ಅಂತ ಪಾತ್ರೆಯನ್ನು ಮತ್ತೆ ಒಳಗಿಟ್ಟೆ. ಇಪ್ಪತ್ತು ನಿಮಿಷ. ನಡು ಗಟ್ಟಿಯಾಯಿತು, ನಿಜ. ಆದರೆ ಅಂಚು ರಬ್ಬರಾಯಿತು, ನೀರು ಮೊದಲಿಗಿಂತ ಜಾಸ್ತಿಯಾಯಿತು! ಇದು ಹೇಗೆ ಸಾಧ್ಯ ಅಂತ ಆಗ ಅರ್ಥವಾಗಲಿಲ್ಲ. ಮೊಟ್ಟೆಯ ಪ್ರೋಟೀನು ಬಿಸಿ ತಾಗಿದಾಗ ಬಿಚ್ಚಿಕೊಂಡು, ಒಂದಕ್ಕೊಂದು ಹೆಣೆದುಕೊಂಡು ಬಲೆಯಾಗುತ್ತದೆ. ಹಾಲಿನ ನೀರು, ತರಕಾರಿಯ ನೀರು ಆ ಬಲೆಯೊಳಗೆ ಸಿಕ್ಕಿಕೊಳ್ಳುತ್ತದೆ. ಮೆತ್ತಗೆ ಅಲುಗಾಡುವ ಹದ ಬರೋದು ಹಾಗೆ. ಬಿಸಿ ಅತಿಯಾದರೆ ಬಲೆ ಬಿಗಿಯುತ್ತಾ ಹೋಗುತ್ತದೆ, ಒದ್ದೆ ಬಟ್ಟೆ ಹಿಂಡಿದ ಹಾಗೆ ಹಿಡಿದಿದ್ದ ನೀರನ್ನೂ ಹೊರಗೆ ಹಾಕುತ್ತದೆ. ಬೇಯದಿದ್ದರೂ ನೀರು, ಬೆಂದದ್ದು ಹೆಚ್ಚಾದರೂ ನೀರು.

ಚೌಕ ಕತ್ತರಿಸಿ ಬಡಿಸುವ ಆಸೆ ಬಿಟ್ಟು ಬಟ್ಟಲು ತಂದೆ. ಸೌಟಿನಲ್ಲಿ ಬಡಿಸಿದೆ. ಮೇಲೆ ಆವಕಾಡೊ, ಕೊತ್ತಂಬರಿ ಸೊಪ್ಪು, ಒಂದಿಷ್ಟು ನಿಂಬೆರಸ. ಮೆಕ್ಸಿಕೊದಲ್ಲಿದ್ದು ಬಂದವರ ಮುಖ ನೋಡುವ ಧೈರ್ಯ ಇರಲಿಲ್ಲ. ಅವರು ಎರಡು ಚಮಚ ತಿಂದು ಹೇಳಿದರು, "ಇದು ಚಿಲಾಕಿಲೆಸ್ ತರಹ ಇದೆ. ಅಲ್ಲಿ ನಾನು ವಾರಕ್ಕೆ ಎರಡು ಸಲ ತಿಂತಿದ್ದೆ."

ಚಿಲಾಕಿಲೆಸ್ ಅಂದರೆ ಹಳೆಯ ಟಾರ್ಟಿಯಾ ತುಂಡುಗಳನ್ನು ಕರಿದು, ಸಾಲ್ಸಾದಲ್ಲಿ ಹೊರಳಿಸಿ, ಬೇಕಾದರೆ ಮೇಲೊಂದು ಮೊಟ್ಟೆ ಇಟ್ಟು ಕೊಡುವ ತಿಂಡಿ. ಮೆತ್ತಗಾಗೋದೇ ಅದರ ಸ್ವಭಾವ. ನನ್ನ ಮರ್ಯಾದೆ ಉಳಿಸಲು ಹೇಳಿದರೋ, ನಿಜವಾಗಿ ಹೇಳಿದರೋ ಗೊತ್ತಾಗಲಿಲ್ಲ. ಆದರೆ ಇನ್ನೊಂದು ಬಟ್ಟಲು ಹಾಕಿಸಿಕೊಂಡರು.

"ಹಾಗಾದರೆ ಇದು ಅಲ್ಲಿಯ ತಿಂಡಿ ತಾನೇ?" ಅಂತ ಅಕ್ಕ ಕೇಳಿದಳು.

"ಇಲ್ಲ ಅಕ್ಕಾ. ಈ ಕ್ಯಾಸರೋಲನ್ನು ನಾನು ಅಲ್ಲಿ ಯಾರ ಮನೆಯಲ್ಲೂ ನೋಡಲಿಲ್ಲ" ಅಂದರು ಅವರು. ಬೆಳಿಗ್ಗೆ ಚಿಲಾಕಿಲೆಸ್ ಇರುತ್ತದಂತೆ, ಇಲ್ಲವೇ ಟಾರ್ಟಿಯಾದ ಮೇಲೆ ಮೊಟ್ಟೆ, ಅದರ ಮೇಲೆ ಸಾಲ್ಸಾ ಹಾಕುವ ವೇವೋಸ್ ರಾಂಚೆರೋಸ್. ಟಾರ್ಟಿಯಾ ಪದರ ಹಾಕಿ ಓವನ್ನಿನಲ್ಲಿ ಬೇಯಿಸುವ ಪಾಸ್ತೆಲ್ ಅಸ್ತೇಕಾ ಇದೆ, ಅದಕ್ಕೆ ಸಾಮಾನ್ಯವಾಗಿ ಕೋಳಿಮಾಂಸ ಹಾಕುತ್ತಾರೆ. ಹೀಗೆ ಮೊಟ್ಟೆ ಹಾಲು ಹೊಯ್ದು, ಹಳದಿ ಚೆಡ್ಡಾರ್ ಚೀಸ್ ಸುರಿದು, ಜೀರಿಗೆ ಮುಂದೆ ಮಾಡಿ ಬೇಯಿಸುವುದು ಗಡಿಯ ಉತ್ತರದ ಕೈ. ಟೆಕ್ಸಸ್ ಕಡೆಯ ಟೆಕ್ಸ್-ಮೆಕ್ಸ್ ಅಡುಗೆಯ ಕೈ. ಇದನ್ನು ಬರೀ 'ಮೆಕ್ಸಿಕನ್' ಅನ್ನದೆ 'ಮೆಕ್ಸಿಕನ್ ಶೈಲಿ' ಅನ್ನುವವರು ಪ್ರಾಮಾಣಿಕರು ಅಂತ ನನಗೆ ಅನಿಸಿತು.

ಆ ಮಾತು ಎಲ್ಲೆಲ್ಲಿಗೋ ಹೋಯಿತು. ಮೆಕ್ಕೆಜೋಳ, ಬೀನ್ಸ್, ಟೊಮ್ಯಾಟೊ, ಮೆಣಸಿನಕಾಯಿ, ಆವಕಾಡೊ ಎಲ್ಲ ಆ ನೆಲದ್ದೇ. ಟೊಮ್ಯಾಟೊ, ಆವಕಾಡೊ, ಚಿಲಿ ಅನ್ನುವ ಹೆಸರುಗಳು ಕೂಡ ಅಲ್ಲಿನ ನಾವಾಟಲ್ ಭಾಷೆಯಿಂದ ಬಂದವು. ಕೋಳಿ, ಹಸು ಮಾತ್ರ ಹದಿನಾರನೇ ಶತಮಾನದಲ್ಲಿ ಸ್ಪೇನಿನವರ ಜೊತೆ ಹೋದವು. ಅಲ್ಲಿಯವರೆಗೆ ಅವರ ಹತ್ತಿರ ಟರ್ಕಿ ಕೋಳಿ ಇತ್ತು, ಹಾಲು ಚೀಸ್ ಇರಲಿಲ್ಲ. ಅಂದರೆ ನನ್ನ ಪಾತ್ರೆಯ ಕೆಳಗಿನ ಅರ್ಧ ಆ ನೆಲದ್ದು, ಮೇಲಿನ ಅರ್ಧ ಹಡಗಿನಲ್ಲಿ ಬಂದದ್ದು. ನಡುವೆ ನಿಂತ ನೀರು ಪೂರ್ತಿ ನನ್ನದು.

ಟಾರ್ಟಿಯಾದ ವಾಸನೆಯ ಬಗ್ಗೆ ಅವರು ಹೇಳಿದ್ದೂ ಮನಸ್ಸಿನಲ್ಲಿ ಉಳಿಯಿತು. ಮೆಕ್ಕೆಜೋಳವನ್ನು ಸುಣ್ಣದ ನೀರಿನಲ್ಲಿ ಬೇಯಿಸಿ, ರಾತ್ರಿಯೆಲ್ಲ ನೆನೆಸಿ, ಸಿಪ್ಪೆ ತೊಳೆದು ರುಬ್ಬುತ್ತಾರೆ. ಆ ವಾಸನೆಗೆ ಸುಣ್ಣವೇ ಕಾರಣ. ಹಿಟ್ಟು ಅಂಟಿಕೊಂಡು ತೆಳ್ಳಗೆ ತಟ್ಟಲು ಬರುವುದೂ ಅದರಿಂದಲೇ. ಕಾಳಿನಲ್ಲಿ ಅಡಗಿರುವ ನಯಾಸಿನ್ ಜೀವಸತ್ವ ಮೈಗೆ ಹತ್ತುವುದೂ ಅದರಿಂದಲೇ. ಯುರೋಪಿನವರು ಮೆಕ್ಕೆಜೋಳ ತೆಗೆದುಕೊಂಡು ಹೋದರು, ಸುಣ್ಣದ ವಿಷಯ ಬಿಟ್ಟು ಹೋದರು. ಬರೀ ಮೆಕ್ಕೆಜೋಳ ತಿಂದ ಇಟಲಿಯ ಬಡವರಿಗೆ ಆ ಜೀವಸತ್ವದ ಕೊರತೆಯಿಂದ ಪೆಲ್ಲಾಗ್ರಾ ಅನ್ನುವ ಕಾಯಿಲೆ ಬಂತು. ಒಂದು ಮುಷ್ಟಿ ಸುಣ್ಣ ಎಷ್ಟು ದೊಡ್ಡ ವಿಷಯ ನೋಡಿ.

ಎಲ್ಲರೂ ಹೋದ ಮೇಲೆ ಅಕ್ಕ ಪಾತ್ರೆ ಉಜ್ಜುತ್ತಾ ನನ್ನ ವಿಚಾರಣೆ ಶುರು ಮಾಡಿದಳು.

"ಬೀನ್ಸ್ ತೊಳೆದು ಸೋಸಿದ್ಯಾ?"

"ಇಲ್ಲ, ಡಬ್ಬಿಯ ರಸ ರುಚಿ ಇರುತ್ತೆ ಅಂತ..."

"ಜೋಳದ ಕಾಳಿನ ಐಸ್?"

"ಹಾಗೇ ಹಾಕಿದೆ."

"ಟೊಮ್ಯಾಟೊ ಬಾಡಿಸಿದ್ಯಾ?"

ಸುಮ್ಮನಿದ್ದೆ.

"ಉಪ್ಪು ತಾಗಿದ ತರಕಾರಿ ರಾತ್ರಿಯೆಲ್ಲ ನೀರು ಬಿಡಲ್ವೇನೋ?" ಅಂದಳು. ಅಷ್ಟೇ. ನನ್ನ ಎಲ್ಲ ತಪ್ಪೂ ಆ ಒಂದು ಮಾತಿನಲ್ಲಿತ್ತು. ನಾನು ಆ ವಾರವೆಲ್ಲ ಖಾರದ ಬಗ್ಗೆ ತಲೆ ಕೆಡಿಸಿಕೊಂಡಿದ್ದೆ. ಯಾವ ಮೆಣಸಿನಕಾಯಿ, ಎಷ್ಟು ಹಾಕೋದು, ಎಂಟು ಜನರಲ್ಲಿ ಯಾರಿಗೆ ಆಗಲ್ಲ. ನೀರಿನ ಯೋಚನೆಯೇ ಬಂದಿರಲಿಲ್ಲ. ಟೊಮ್ಯಾಟೊದಲ್ಲಿ ನೂರಕ್ಕೆ ತೊಂಬತ್ತನಾಲ್ಕು ಪಾಲು ನೀರು. ಕ್ಯಾಪ್ಸಿಕಂ ಅದಕ್ಕಿಂತ ಹೆಚ್ಚು ಹಿಂದಿಲ್ಲ. ಮೊಟ್ಟೆಯಲ್ಲೇ ಮುಕ್ಕಾಲು ಪಾಲು ನೀರು. ಅದರ ಮೇಲೆ ನಾನು ಎರಡು ಕಪ್ ಹಾಲು ಹೊಯ್ದಿದ್ದೆ!

ಮೂರು ವಾರ ಬಿಟ್ಟು ಮತ್ತೆ ಎಲ್ಲರನ್ನೂ ಕರೆದೆ. ಹಠ ಅಂತಲೇ ಅನ್ನಿ.

ಈ ಸಲ ಪೊಬ್ಲಾನೊ ಮೆಣಸಿನಕಾಯಿ ಸಿಕ್ಕಿತು. ಪೊಬ್ಲಾನೊ ಅಂದರೆ ಮೆಕ್ಸಿಕೊದ ಪುಯೆಬ್ಲಾ ರಾಜ್ಯದ್ದು ಅಂತ. ಕಡು ಹಸಿರು, ದಪ್ಪ ತೊಗಲು, ಖಾರ ಕಡಿಮೆ. ಖಾರ ಅಳೆಯುವ ಸ್ಕೋವಿಲ್ ಲೆಕ್ಕದಲ್ಲಿ 1,000ದಿಂದ 2,000. ಹಲಾಪಾ ಊರಿನ ಹೆಸರು ಹೊತ್ತ ಹಲಪೆನ್ಯೊ, ಅದೇ ನಾವು ಜಲಪೆನೊ ಅಂತ ಓದಿಕೊಳ್ಳುವುದು, 2,500ರಿಂದ 8,000 ಇರುತ್ತದೆ. ಪೊಬ್ಲಾನೊವನ್ನು ಗ್ಯಾಸಿನ ಉರಿಯ ಮೇಲೆ ನೇರವಾಗಿ ಇಟ್ಟು ಮೈಯೆಲ್ಲ ಕಪ್ಪಾಗುವವರೆಗೆ ಸುಟ್ಟೆ. ಬಟ್ಟಲಿನಲ್ಲಿ ಹಾಕಿ ತಟ್ಟೆ ಮುಚ್ಚಿ ಹತ್ತು ನಿಮಿಷ ಬಿಟ್ಟರೆ ತನ್ನ ಹಬೆಗೇ ಸಿಪ್ಪೆ ಸಡಿಲವಾಗುತ್ತದೆ. ಉಜ್ಜಿದರೆ ಬರುತ್ತದೆ. ಆಗ ನಲ್ಲಿ ಕೆಳಗೆ ಹಿಡಿಯಬೇಡಿ, ಸುಟ್ಟ ಘಮವೆಲ್ಲ ತೊಳೆದು ಹೋಗುತ್ತದೆ. ಇಡೀ ಅಡುಗೆಯಲ್ಲಿ ನನಗೆ ಹೆಚ್ಚು ಖುಷಿ ಕೊಟ್ಟ ಕೆಲಸ ಇದೇ. ಎರಡು ದಿನ ಬೆರಳಿನಲ್ಲಿ ಆ ಹೊಗೆಯ ವಾಸನೆ ಇತ್ತು.

ಈರುಳ್ಳಿ, ಕ್ಯಾಪ್ಸಿಕಂ ಬಾಣಲೆಯಲ್ಲಿ ನೀರಾರುವವರೆಗೆ ಹುರಿದೆ. ಟೊಮ್ಯಾಟೊದ ಬೀಜ, ರಸ ತೆಗೆದು ಬರೀ ತಿರುಳು ಹಾಕಿದೆ. ಬೀನ್ಸ್ ತೊಳೆದು, ಸೋಸಿ, ಬಟ್ಟೆಯ ಮೇಲೆ ಹರಡಿದೆ. ಜೋಳದ ಕಾಳು ಬಾಣಲೆಯಲ್ಲಿ ಅಲ್ಲಲ್ಲಿ ಕಪ್ಪು ಚುಕ್ಕೆ ಬರುವಷ್ಟು ಹುರಿದೆ. ಟಾರ್ಟಿಯಾ ಹಿಂದಿನ ದಿನದ್ದು, ಸ್ವಲ್ಪ ಒಣಗಿದ್ದು. ಅದನ್ನೂ ಎಣ್ಣೆ ಸವರಿ ಹೆಂಚಿನ ಮೇಲೆ ಬಾಡಿಸಿದೆ, ಎಣ್ಣೆ ಹಿಡಿದ ಟಾರ್ಟಿಯಾ ಬೇಗ ಕರಗಿ ಮುದ್ದೆಯಾಗಲ್ಲ. ಎಲ್ಲ ಆರಿದ ಮೇಲೆ ಪದರ ಹಾಕಿದೆ. ಹನ್ನೆರಡು ಮೊಟ್ಟೆಗೆ ಹಾಲು ಒಂದೇ ಕಪ್. ಸಾಲ್ಸಾ ಒಳಗೆ ಇಲ್ಲವೇ ಇಲ್ಲ, ಬಟ್ಟಲಿನಲ್ಲಿ ಪಕ್ಕಕ್ಕೆ. ಚೀಸನ್ನು ಗಟ್ಟಿಯಾಗೇ ತಂದು ಮನೆಯಲ್ಲಿ ತುರಿದೆ. ತುರಿದು ಪೊಟ್ಟಣದಲ್ಲಿ ಬರುವ ಚೀಸಿಗೆ ಅಂಟಬಾರದು ಅಂತ ಪಿಷ್ಟದ ಪುಡಿ ಹಚ್ಚಿರುತ್ತಾರೆ, ಅದು ನಯವಾಗಿ ಕರಗಲ್ಲ.

ಬೆಳಿಗ್ಗೆ ಎದ್ದ ಕೂಡಲೇ ಅಂಚು ನೋಡಿದೆ. ನೀರು ಇರಲಿಲ್ಲ. ಈ ಸಲ ಗಾಜಿನ ಬದಲು ಲೋಹದ ಪಾತ್ರೆ. ಓವನ್ 170 ಡಿಗ್ರಿ. ಮೊದಲ ಅರ್ಧ ಹೊತ್ತು ಫಾಯಿಲ್ ಮುಚ್ಚಿದೆ, ಮೇಲ್ಭಾಗ ಅವಸರಪಡದಿರಲಿ ಅಂತ. ಥರ್ಮಾಮೀಟರ್ ಒಂದನ್ನು ಕೊಂಡಿದ್ದೆ. ಮೊಟ್ಟೆ ಸೇರಿದ ಖಾದ್ಯಕ್ಕೆ ಅಮೆರಿಕದ ಕೃಷಿ ಇಲಾಖೆ ಹೇಳುವ ಶಾಖ ಕನಿಷ್ಠ 71 ಡಿಗ್ರಿ. ನಡುವೆ ಚುಚ್ಚಿ 74 ಬಂದಾಗ ಹೊರಗೆ ತೆಗೆದೆ. ಪಾತ್ರೆ ಅಲುಗಿಸಿದರೆ ಅಂಚು ನಿಂತಿತ್ತು, ನಡು ಮಾತ್ರ ಸಣ್ಣಗೆ ನಡುಗುತ್ತಿತ್ತು.

ಆಗ ಹನ್ನೊಂದು ಗಂಟೆ. ಎಂಟೂ ಜನ ಬಂದು ಕೂತಿದ್ದರು. ಹೊರಗೆ ತೆಗೆದ ಮೇಲೂ ಒಳಗಿನ ಬಿಸಿಗೆ ಬೇಯುವ ಕೆಲಸ ನಡೆಯುತ್ತಿರುತ್ತದೆ, ಹದಿನೈದು ನಿಮಿಷ ಮುಟ್ಟಬಾರದು. ಅದು ನನಗೆ ಗೊತ್ತಿತ್ತು. ಆದರೂ ಕೈ ಕೇಳಬೇಕಲ್ಲ. ಒಂದು ಮೂಲೆ ಎತ್ತಿ ನೋಡೋಣ, ಒಂದೇ ಒಂದು ಮೂಲೆ ಅಂತ ಚಾಕು ಹುಡುಕಿದೆ. ಸ್ಟ್ಯಾಂಡಿನಲ್ಲಿ ಇರಲಿಲ್ಲ. ಡ್ರಾಯರಿನಲ್ಲೂ ಇರಲಿಲ್ಲ.

"ಅಕ್ಕಾ, ಚಾಕು ಎಲ್ಲಿ?"

ಅವಳು ಮೆಕ್ಸಿಕೊದಲ್ಲಿದ್ದು ಬಂದವರ ಪಕ್ಕದಲ್ಲಿ ಕೂತು ಸುಣ್ಣದ ವಿಷಯ ಇನ್ನೊಮ್ಮೆ ಕೇಳಿಸಿಕೊಳ್ಳುತ್ತಿದ್ದಳು. ತಲೆ ಎತ್ತಲೇ ಇಲ್ಲ.

"ಹನ್ನೊಂದೂಕಾಲಿಗೆ ಹೇಳ್ತೀನಿ" ಅಂದಳು.