ಕಿಲ್‌ಪೆಕ್ ಚರ್ಚಿಗೆ ಭಾನುವಾರ ಹೋಗಬೇಡಿ

ವೇಲ್ಸ್ ಗಡಿಗೆ ಸಮೀಪದಲ್ಲಿರುವ ಕಿಲ್‌ಪೆಕ್ ಎಂಬ ಸಣ್ಣ ಹಳ್ಳಿ, ಇಂಗ್ಲೆಂಡಿನ ಹೆರೆಫರ್ಡ್ ಪಟ್ಟಣದಿಂದ ನೈಋತ್ಯಕ್ಕೆ ಸುಮಾರು 9 ಮೈಲಿ ದೂರದಲ್ಲಿದೆ. ಇಷ್ಟು ದೂರಕ್ಕೆ ಬಸ್ಸು ಸಿಕ್ಕೇ ಸಿಗುತ್ತದೆಂದು ನಂಬಿ ಭಾನುವಾರ ಹೊರಟ ನಾವು, ನಿಲ್ದಾಣದಲ್ಲಿ ಮುಕ್ಕಾಲು ಗಂಟೆ ಕಾದು ಕೊನೆಗೆ ಟ್ಯಾಕ್ಸಿ ಹಿಡಿಯಬೇಕಾಯಿತು. ಫೋನಿನಲ್ಲಿ 25 ಪೌಂಡ್ ಎಂದಿದ್ದ ಚಾಲಕ, ಮರಳುವಾಗ ಖಾಲಿ ಬರಬೇಕೆಂಬ ನೆಪ ಹೇಳಿ ಇಳಿಯುವಾಗ 38 ಪೌಂಡ್ ವಸೂಲಿ ಮಾಡಿದ. ವಾರದ ದಿನ ಹೋಗಿ. ಟ್ಯಾಕ್ಸಿಯೇ ಆದರೆ ಹೋಗಿಬರುವ ದರವನ್ನು ಹತ್ತುವ ಮೊದಲೇ ಗೊತ್ತುಮಾಡಿಕೊಳ್ಳಿ.

ಇಷ್ಟು ಹಣ ತೆತ್ತು ಗೇಟು ದಾಟಿದಾಗ ಎದುರಾದ ಚರ್ಚಿನ ಪುಟ್ಟ ಗಾತ್ರವನ್ನು ಕಂಡು, ಸುಳ್ಳೇಕೆ, ನನಗೆ ನಿರಾಸೆಯೇ ಆಯಿತು. ಜನರು ಕೂರುವ ಉದ್ದನೆಯ ಭಾಗ, ಅದರಾಚೆ ಬಲಿಪೀಠದತ್ತ ಒಯ್ಯುವ ಚೌಕಾಕಾರದ ಭಾಗ, ತುದಿಯಲ್ಲಿ ಅರ್ಧವೃತ್ತಾಕಾರದ ಕೋಣೆ: ಕಟ್ಟಡವೆಂದರೆ ಇಷ್ಟೇ. ಸುಮಾರು 1140ರಲ್ಲಿ, ಪಕ್ಕದ ಕೋಟೆಯ ಒಡೆಯನಾಗಿದ್ದ ಹ್ಯೂ ಎಂಬ ನಾರ್ಮನ್ ಜಹಗೀರುದಾರನ ಕಾಲದಲ್ಲಿ ಕಟ್ಟಿದ ಈ ಚರ್ಚು ಸಂತ ಮೇರಿ ಮತ್ತು ವೇಲ್ಸ್‌ನ ಸಂತ ಡೇವಿಡ್ ಇಬ್ಬರ ಹೆಸರಿನಲ್ಲಿದೆ.

ಆದರೆ ದಕ್ಷಿಣದ ಬಾಗಿಲಿನ ಮುಂದೆ ನಿಂತ ಮೇಲೆ ಟ್ಯಾಕ್ಸಿಯವನ ಮೇಲಿದ್ದ ಸಿಟ್ಟು ಇಳಿಯಿತು. ಕೆಂಪು ಮರಳುಗಲ್ಲಿನ ಈ ದ್ವಾರದ ನೆತ್ತಿಯಲ್ಲಿ ದ್ರಾಕ್ಷಿಗೊಂಚಲು ತೂಗುವ ಜೀವವೃಕ್ಷ, ಅದರ ಸುತ್ತಲಿನ ಕಮಾನಿನಲ್ಲಿ ಕೊಕ್ಕಿನ ತಲೆಗಳು ಮತ್ತು ವಿಚಿತ್ರ ಪ್ರಾಣಿಗಳು, ಬಲಗಂಬದ ಬೋದಿಗೆಯಲ್ಲಿ ಬಾಯಿಂದ ಬಳ್ಳಿ ಉಗುಳುವ ಮುಖ, ಎಡಗಂಬದಲ್ಲಿ ಬಳ್ಳಿಯ ನಡುವೆ ಸಿಕ್ಕಿಕೊಂಡ ಇಬ್ಬರು ಯೋಧರು ಇದ್ದಾರೆ. ಹತ್ತಿರತ್ತಿರ 900 ವರ್ಷ ಮಳೆಗಾಳಿ ಕಂಡ ಕಲ್ಲಿನಲ್ಲಿ ಯೋಧರ ಬಟ್ಟೆಯ ಗೀರುಗಳೂ ಉಳಿದಿವೆ. ಇದೇ ಶಿಲ್ಪಿಗಳ ಬಳಗದ ಕೆಲಸವೆನ್ನಲಾಗುವ ಶಾಬ್ಡನ್ ಎಂಬ ಇನ್ನೊಂದು ಹಳ್ಳಿಯ ಕಮಾನುಗಳು, ಹದಿನೆಂಟನೆಯ ಶತಮಾನದಲ್ಲಿ ಅಲ್ಲಿನ ಚರ್ಚನ್ನು ಕೆಡವಿ ಅವನ್ನು ಬಯಲಿನಲ್ಲಿ ನಿಲ್ಲಿಸಿದ ಮೇಲೆ ಸವೆದುಹೋಗಿವೆ. ಆದ್ದರಿಂದ ಒಂದೇ ಜಾಗಕ್ಕೆ ಸಮಯವಿರುವವರು ಶಾಬ್ಡನ್ ಬಿಟ್ಟು ಇಲ್ಲಿಗೇ ಬರಬೇಕು.

ಬಾಗಿಲಿನ ಫೋಟೋ ತೆಗೆದು ನೇರವಾಗಿ ಒಳಹೋಗುವವರು ಅರ್ಧ ಚರ್ಚನ್ನು ನೋಡದೆಯೇ ಮರಳುತ್ತಾರೆ. ಸೂರಿನ ಕೆಳಗೆ ಗೋಡೆಯಿಂದ ಹೊರಚಾಚಿದ 85 ಕೆತ್ತನೆಯ ಕಲ್ಲುಗಳು ಉಳಿದಿವೆ. ಜೊತೆಜೊತೆಗಿರುವ ನಾಯಿ ಮತ್ತು ಮೊಲವನ್ನು ಕಂಡರೆ ಮಕ್ಕಳು ಅಲ್ಲಿಂದ ಕದಲುವುದಿಲ್ಲ. ತನ್ನ ಯೋನಿಯನ್ನು ಎರಡೂ ಕೈಗಳಿಂದ ತೆರೆದು ತೋರುವ ಶೀಲಾ ನಾ ಗಿಗ್ ಎಂಬ ಸ್ತ್ರೀರೂಪವೂ ಇವುಗಳ ನಡುವೆ ಇದೆ. ಬಾದಾಮಿಯ ವಸ್ತುಸಂಗ್ರಹಾಲಯದಲ್ಲಿ ಲಜ್ಜಾಗೌರಿಯನ್ನು ಕಂಡ ನಮಗೆ ಇದು ಅಷ್ಟೊಂದು ಬೆರಗು ಹುಟ್ಟಿಸಲಿಲ್ಲ. ಪಕ್ಕದಲ್ಲಿದ್ದ ಇಂಗ್ಲಿಷ್ ಅಜ್ಜಿಯೊಬ್ಬರು ಮಾತ್ರ ಮೊಮ್ಮಗನ ತಲೆಯನ್ನು ಮೆಲ್ಲಗೆ ಬೇರೆ ಕಡೆಗೆ ತಿರುಗಿಸಿದರು. ಪಶ್ಚಿಮದ ಗೋಡೆಯಿಂದ ಬಾಯಿ ತೆರೆದು ಚಾಚಿದ ಡ್ರ್ಯಾಗನ್ ತಲೆಗಳು ಸಾಕಷ್ಟು ಎತ್ತರದಲ್ಲಿರುವುದರಿಂದ ದುರ್ಬೀನು ಒಯ್ಯುವುದು ಒಳ್ಳೆಯದು. ನಾವು ಒಯ್ದಿರಲಿಲ್ಲ.

ಒಳಗೆ ಬೆಳಕು ಕಡಿಮೆ. ಬಲಿಪೀಠದ ಮುಂದಿನ ಕಮಾನಿನ ಎರಡೂ ಬದಿಗೆ ಒಬ್ಬರ ಮೇಲೊಬ್ಬರಂತೆ ಮೂರು ಮೂರು ಸಂತರು ನಿಂತಿದ್ದಾರೆ. ಶಾಬ್ಡನ್ ಚರ್ಚನ್ನು ಕಟ್ಟಿಸಿದ ಆಲಿವರ್ ದ ಮೆರ್ಲಿಮಂಡ್ ಸ್ಪೇನಿನ ಸ್ಯಾಂಟಿಯಾಗೊ ಯಾತ್ರೆ ಮಾಡಿ ಬಂದವನಾದ್ದರಿಂದ, ಈ ಜೋಡಣೆಯ ಮಾದರಿ ಆ ದಾರಿಯಿಂದಲೇ ಬಂದಿರಬಹುದೆಂದು ವಿದ್ವಾಂಸರು ಊಹಿಸುತ್ತಾರೆ. ನಾನು ನೋಡುತ್ತಿದ್ದಾಗಲೇ ಒಂದು ಪ್ರವಾಸಿ ತಂಡ ಬಂದಿತು. ಇಪ್ಪತ್ತು ಜನ ಸೇರಿದರೂ ಇಲ್ಲಿ ಉಸಿರು ಕಟ್ಟುತ್ತದೆ, ಹಾಗಾಗಿ ನಾನು ಹಿಂದಿನ ಕೋಟೆಯ ದಿಬ್ಬದ ಕಡೆ ನಡೆದೆ. ಅಲ್ಲಿ ಉಳಿದಿರುವುದು ಮುರಿದ ಗೋಡೆಯ ತುಣುಕುಗಳಷ್ಟೇ, ಹುಲ್ಲು ಬಹಳ ಜಾರುತ್ತದೆ.

ಹೆರೆಫರ್ಡ್‌ನಲ್ಲಿ 110 ಪೌಂಡ್ ಕೊಟ್ಟು ಪಡೆದ ಕೋಣೆಯ ಕಿಟಕಿಯೇ ತೆರೆಯುತ್ತಿರಲಿಲ್ಲ. ಅದರ ಬದಲಿಗೆ ಸಂತೆಬೀದಿಯ ಹಿಂದಿನ ಓಣಿಯಲ್ಲಿ, ನಾಲ್ಕೇ ಮೇಜಿನ ಒಂದು ತಿಂಡಿ ಅಂಗಡಿಯನ್ನು ನೆನೆಯುತ್ತೇನೆ: 6 ಪೌಂಡಿಗೆ ಬೋಗುಣಿ ತುಂಬ ಆಲೂಗಡ್ಡೆಯ ಬಿಸಿ ಸೂಪು, ಆಗಷ್ಟೇ ಸುಟ್ಟ ಬ್ರೆಡ್ಡು, ಕೇಳದೆಯೇ ಎರಡನೆಯ ಬಾರಿ ತಂದಿಟ್ಟ ಬೆಣ್ಣೆ, ಕೊನೆಗೆ ಅಲ್ಲಿನ ಸೇಬಿನಿಂದ ಮಾಡಿದ ಸಿಹಿ. ಸಸ್ಯಾಹಾರಿಗಳೆಂದು ತಿಳಿದೊಡನೆ, ಸೂಪಿನಲ್ಲಿ ಮಾಂಸದ ಸಾರು ಬೆರೆತಿಲ್ಲವೆಂಬುದನ್ನು ಒಳಗೆ ಹೋಗಿ ಖಚಿತಪಡಿಸಿಕೊಂಡು ಬಂದು ಹೇಳಿದರು.