ಗ್ರಾಫಿಕ್ಸ್ ಕಾರ್ಡ್ ಬದಲಿಸುವ ಮುಂಚೆ ರೌಟರ್ ನೋಡಿ: ಪಿಸಿ ಆಟಕ್ಕೆ ವಿಆರ್ ಹೆಡ್‌ಸೆಟ್ ಜೋಡಿಸುವುದು

ಗೇಮಿಂಗ್ ಪಿಸಿಗೆ ವಿಆರ್ (ವರ್ಚುವಲ್ ರಿಯಾಲಿಟಿ) ಹೆಡ್‌ಸೆಟ್, ಅಂದರೆ ಕಣ್ಣ ಮುಂದೆ ಪರದೆ ಹಿಡಿಯುವ ತಲೆಗವಸು, ಜೋಡಿಸಿದವರಿಂದ ಮೊದಲ ವಾರದಲ್ಲೇ ಕೇಳಿಬರುವ ಮಾತು ಒಂದೇ: "ತಲೆ ತಿರುಗಿಸಿದರೆ ಚಿತ್ರ ತಡವರಿಸುತ್ತದೆ, ಕಾರ್ಡ್ ಸಾಲುತ್ತಿಲ್ಲ." ಆಮೇಲೆ ಹೊಸ ಗ್ರಾಫಿಕ್ಸ್ ಕಾರ್ಡಿನ ರೇಟು ವಿಚಾರಿಸುವುದು ಶುರುವಾಗುತ್ತದೆ. ಆದರೆ ಬಹಳಷ್ಟು ಸಲ ತಪ್ಪು ಕಾರ್ಡಿನದಲ್ಲ, ಪಿಸಿಯಿಂದ ಹೆಡ್‌ಸೆಟ್‌ಗೆ ಚಿತ್ರ ಹೋಗುವ ದಾರಿಯದು. ನಮ್ಮ ಬಳ್ಳಾರಿ, ರಾಯಚೂರು, ಕೊಪ್ಪಳದ ಮನೆಗಳಲ್ಲಿ ಆ ದಾರಿಗೆ ಅಡ್ಡ ಬರುವ ಸಂಗತಿಗಳೇ ಬೇರೆ: ದಪ್ಪ ಕಲ್ಲಿನ ಗೋಡೆ, ಬಿಸಿಲು, ದೂಳು, ಹೇಳದೆ ಕೇಳದೆ ಹೋಗುವ ಕರೆಂಟು. ಹಾಗಾಗಿ ದುಡ್ಡು ಸುರಿಯುವ ಮೊದಲು ಏನೇನು ನೋಡಿಕೊಳ್ಳಬೇಕು ಎಂಬುದನ್ನು ಇಲ್ಲಿ ಬರೆಯುತ್ತಿದ್ದೇನೆ.

ಹೆಚ್ಚಿನವರ ಕೈಯಲ್ಲಿ ಇರುವುದು ಮೆಟಾ ಕ್ವೆಸ್ಟ್ 2, ಕ್ವೆಸ್ಟ್ 3 ಅಥವಾ ಕ್ವೆಸ್ಟ್ 3ಎಸ್ ಎಂದುಕೊಂಡು ಬರೆದಿದ್ದೇನೆ. ಸೆಕೆಂಡ್ ಹ್ಯಾಂಡ್ ಕೊಳ್ಳುವವರಿಗೆ ಒಂದು ಎಚ್ಚರಿಕೆ ಮಾತ್ರ ಮೊದಲೇ ಹೇಳಬೇಕು. ಎಚ್‌ಪಿ ರಿವರ್ಬ್ ಜಿ2, ಸ್ಯಾಮ್‌ಸಂಗ್ ಒಡಿಸ್ಸಿ ತರಹದ 'ವಿಂಡೋಸ್ ಮಿಕ್ಸ್‌ಡ್ ರಿಯಾಲಿಟಿ' ಹೆಡ್‌ಸೆಟ್‌ಗಳು ಈಗ ಅಗ್ಗಕ್ಕೆ ಸಿಗುತ್ತವೆ. ಅಗ್ಗವಾಗಲು ಕಾರಣವಿದೆ. 2024ರಲ್ಲಿ ಬಂದ ವಿಂಡೋಸ್ 11ರ 24ಎಚ್2 ಆವೃತ್ತಿಯಿಂದ ಮೈಕ್ರೋಸಾಫ್ಟ್ ಆ ವ್ಯವಸ್ಥೆಯನ್ನೇ ತೆಗೆದುಹಾಕಿದೆ. ವಿಂಡೋಸ್ ಅಪ್‌ಡೇಟ್ ಆದ ಮೇಲೆ ಆ ಹೆಡ್‌ಸೆಟ್‌ಗೆ ಮೈಕ್ರೋಸಾಫ್ಟ್‌ನ ಬೆಂಬಲ ಇರುವುದಿಲ್ಲ. ಕೊಳ್ಳಬೇಡಿ.

ಈಗ ದಾರಿಯ ವಿಷಯ. ಕ್ವೆಸ್ಟ್ ಹೆಡ್‌ಸೆಟ್‌ಗೆ ಮಾನಿಟರಿನ ಹಾಗೆ ಎಚ್‌ಡಿಎಂಐ ಅಥವಾ ಡಿಸ್‌ಪ್ಲೇಪೋರ್ಟ್ ಕೇಬಲ್ ಹಾಕುವುದಿಲ್ಲ. ಪಿಸಿಯಲ್ಲಿ ಕಾರ್ಡ್ ಎರಡು ಕಣ್ಣಿಗೆ ಎರಡು ಚಿತ್ರ ಬರೆಯುತ್ತದೆ. ಅದೇ ಕಾರ್ಡ್ ಅವನ್ನು ವಿಡಿಯೊ ಆಗಿ ಅದುಮುತ್ತದೆ, ಇದು ಎನ್‌ಕೋಡ್. ಆ ವಿಡಿಯೊ ಯುಎಸ್‌ಬಿ ಕೇಬಲ್ ಅಥವಾ ವೈಫೈ ಮೂಲಕ ಸಾಗಿ, ಹೆಡ್‌ಸೆಟ್‌ನೊಳಗಿನ ಚಿಪ್‌ನಲ್ಲಿ ಬಿಚ್ಚಿಕೊಳ್ಳುತ್ತದೆ, ಇದು ಡಿಕೋಡ್. 90 ಹರ್ಟ್ಸ್‌ನಲ್ಲಿ, ಅಂದರೆ ಸೆಕೆಂಡಿಗೆ 90 ಚಿತ್ರದ ಲೆಕ್ಕದಲ್ಲಿ ಆಡುವಾಗ ಒಂದು ಚಿತ್ರ ಬರೆಯಲು ಕಾರ್ಡಿಗೆ ಸಿಗುವ ಸಮಯ 11.1 ಮಿಲಿಸೆಕೆಂಡ್. 72 ಹರ್ಟ್ಸ್ ಇಟ್ಟರೆ 13.9, 120 ಹರ್ಟ್ಸ್ ಇಟ್ಟರೆ 8.3. ಬರೆಯುವುದು, ಎನ್‌ಕೋಡ್, ಸಾಗುವುದು, ಡಿಕೋಡ್ ಎಂಬ ಈ ನಾಲ್ಕು ಘಟ್ಟಗಳಲ್ಲಿ ಎಲ್ಲಿ ತಡವಾದರೂ ಕಣ್ಣಿಗೆ ಕಾಣುವುದು ಒಂದೇ ತರಹದ ತಡವರಿಕೆ. ಜನ ಕಾರ್ಡನ್ನು ಬೈಯುವುದು ಇದಕ್ಕೇ.

ಕಾರ್ಡಿನ ಬಗ್ಗೆ ಒಂದು ಅಂದಾಜು ಬೇಕಾದರೆ: ಹಾಫ್-ಲೈಫ್ ಅಲಿಕ್ಸ್ ಆಟ ಕನಿಷ್ಠ ಕೇಳುವುದು 6 ಜಿಬಿ ಮೆಮೊರಿಯ ಜಿಟಿಎಕ್ಸ್ 1060, 12 ಜಿಬಿ ರ‍್ಯಾಮ್. ಆರ್‌ಟಿಎಕ್ಸ್ 3060 ಇದ್ದರೆ 90 ಹರ್ಟ್ಸ್‌ನಲ್ಲಿ ಬಹುತೇಕ ವಿಆರ್ ಆಟಗಳು ಮಧ್ಯಮ ಸೆಟ್ಟಿಂಗ್‌ನಲ್ಲಿ ಚೆನ್ನಾಗಿಯೇ ಓಡುತ್ತವೆ. ವಿಮಾನದ ಸಿಮ್ಯುಲೇಟರ್‌ಗಳು ಮಾತ್ರ ಬೇರೆ ಜಾತಿ, ಅವು ಎಷ್ಟು ಕೊಟ್ಟರೂ ತಿನ್ನುತ್ತವೆ.

ಮೊದಲು ಕೇಬಲ್. ಹೆಡ್‌ಸೆಟ್ ಜೊತೆ ಬರುವ ಚಾರ್ಜಿಂಗ್ ಕೇಬಲ್ ಗಿಡ್ಡ, ಡೇಟಾ ವೇಗ ಯುಎಸ್‌ಬಿ 2ರದು. ಅದರಲ್ಲೂ ಚಿತ್ರ ಬರುತ್ತದೆ, ಆದರೆ ಮೇಲಿನ ಗುಣಮಟ್ಟಕ್ಕೆ ಯುಎಸ್‌ಬಿ 3 ಕೇಬಲ್ ಬೇಕು. ಉದ್ದ 3 ಮೀಟರ್ ದಾಟಿದರೆ ಸಾದಾ ತಾಮ್ರದ ಯುಎಸ್‌ಬಿ 3 ಕೇಬಲ್ ನಂಬಲಾಗುವುದಿಲ್ಲ. 5 ಮೀಟರ್ ಬೇಕೆಂದರೆ ವಿಆರ್‌ಗೆಂದೇ ಮಾಡಿದ್ದನ್ನು ತರಿಸಿ. ಪಿಸಿಗೆ ಚುಚ್ಚುವಾಗ ಕ್ಯಾಬಿನೆಟ್‌ನ ಮುಂದಿನ ಪೋರ್ಟ್ ಬಿಟ್ಟು ಹಿಂದೆ ಮದರ್‌ಬೋರ್ಡ್‌ನ ಪೋರ್ಟ್‌ಗೇ ಚುಚ್ಚಿ, ನಡುವೆ ಹಬ್ ಇಡಬೇಡಿ. ಹೆಡ್‌ಸೆಟ್ಟನ್ನು ಪಿಸಿಗೆ ಜೋಡಿಸುವ ಮೆಟಾ ಲಿಂಕ್ ಆಪ್‌ನಲ್ಲಿ ಹೆಡ್‌ಸೆಟ್ ಹೆಸರು ಒತ್ತಿದರೆ ಯುಎಸ್‌ಬಿ ಟೆಸ್ಟ್ ಸಿಗುತ್ತದೆ. ಯುಎಸ್‌ಬಿ 3 ಸರಿಯಾಗಿ ಹಿಡಿದಿದ್ದರೆ ಫಲಿತಾಂಶ ಗಿಗಾಬಿಟ್ ಲೆಕ್ಕದಲ್ಲಿ ಬರಬೇಕು. ಮುನ್ನೂರರ ಆಸುಪಾಸಿನ ಮೆಗಾಬಿಟ್ ತೋರಿಸಿದರೆ ಅದು ಯುಎಸ್‌ಬಿ 2ಕ್ಕೆ ಇಳಿದಿದೆ ಎಂದರ್ಥ. ಕೇಬಲ್‌ನ ಯುಎಸ್‌ಬಿ-ಸಿ ತುದಿಯನ್ನು ಕಿತ್ತು ಮಗ್ಗುಲು ತಿರುಗಿಸಿ ಹಾಕಿ ನೋಡಿ, ಆಮೇಲೆ ಬೇರೆ ಪೋರ್ಟ್ ನೋಡಿ.

ಆಟದ ನಡುವೆ ಹೆಡ್‌ಸೆಟ್‌ನ ಸಂಪರ್ಕ ತಾನೇ ತಾನಾಗಿ ಕಡಿದರೆ ಅದು ಹಲವು ಸಲ ಕರೆಂಟು ಉಳಿಸುವ ವಿಂಡೋಸ್‌ನ ಮಿತವ್ಯಯದ ಕೆಲಸ. ಪವರ್ ಪ್ಲಾನ್‌ನ ಅಡ್ವಾನ್ಸ್‌ಡ್ ಸೆಟ್ಟಿಂಗ್‌ನಲ್ಲಿ 'ಯುಎಸ್‌ಬಿ ಸೆಲೆಕ್ಟಿವ್ ಸಸ್ಪೆಂಡ್' ಆಫ್ ಮಾಡಿ. ಡಿವೈಸ್ ಮ್ಯಾನೇಜರ್‌ನಲ್ಲಿ ಯುಎಸ್‌ಬಿ ರೂಟ್ ಹಬ್ ತೆರೆದು, ಪವರ್ ಮ್ಯಾನೇಜ್‌ಮೆಂಟ್ ಟ್ಯಾಬಿನ ಟಿಕ್ ತೆಗೆಯಿರಿ. ಇನ್ನು ಕೇಬಲ್ ಹಾಕಿದ್ದರೂ ಬ್ಯಾಟರಿ ಇಳಿಯುತ್ತಿದ್ದರೆ ಗಾಬರಿ ಬೇಡ. ಮಾಮೂಲಿ ಯುಎಸ್‌ಬಿ 3 ಪೋರ್ಟ್ ಕೊಡುವುದು 5 ವೋಲ್ಟ್‌ನಲ್ಲಿ 0.9 ಆಂಪಿಯರ್, ಅಂದರೆ 4.5 ವಾಟ್. ಹೆಡ್‌ಸೆಟ್ ಅದಕ್ಕಿಂತ ಹೆಚ್ಚು ಉಣ್ಣುತ್ತದೆ.

ವೈಫೈನಲ್ಲಿ ಆಡುವುದು ಕೇಬಲ್‌ಗಿಂತ ಎಷ್ಟೋ ಸುಖ, ಕಾಲಿಗೆ ತೊಡರುವುದಿಲ್ಲ. ಎಡವಟ್ಟು ಹೆಚ್ಚಾಗಿ ಆಗುವುದೂ ಇಲ್ಲೇ, ಆದ್ದರಿಂದ ಇದನ್ನು ನಿಧಾನವಾಗಿ ನೋಡೋಣ.

ಮೊದಲ ಮಾತು: ನಿಮ್ಮ ಇಂಟರ್‌ನೆಟ್ ಪ್ಯಾಕ್ ಎಷ್ಟು ಎಂಬುದು ಇಲ್ಲಿ ಲೆಕ್ಕಕ್ಕೇ ಬರುವುದಿಲ್ಲ. ಅದು ಬೇಕಾಗುವುದು ಆಟ ಇಳಿಸಿಕೊಳ್ಳಲು. ಆಡುವಾಗ ಡೇಟಾ ಪಿಸಿಯಿಂದ ರೌಟರ್‌ಗೆ, ರೌಟರ್‌ನಿಂದ ಹೆಡ್‌ಸೆಟ್‌ಗೆ ಮನೆಯೊಳಗೇ ಓಡಾಡುತ್ತದೆ. ಪಿಸಿಯಿಂದ ರೌಟರ್‌ಗೆ ಲ್ಯಾನ್ ಕೇಬಲ್ ಇರಲೇಬೇಕು. ಪಿಸಿಯೂ ವೈಫೈ, ಹೆಡ್‌ಸೆಟ್ಟೂ ವೈಫೈ ಆದರೆ ಅದೇ ಗಾಳಿಯಲ್ಲಿ ಒಂದೇ ಡೇಟಾ ಎರಡು ಸಲ ಹಾಯಬೇಕಾಗುತ್ತದೆ.

ಆ ಲ್ಯಾನ್ ಕೇಬಲ್ ಹಾಕಿದ ಮೇಲೆ ವಿಂಡೋಸ್ ಸೆಟ್ಟಿಂಗ್ಸ್‌ನಲ್ಲಿ ನೆಟ್‌ವರ್ಕ್, ಅಲ್ಲಿ ಈಥರ್‌ನೆಟ್ ತೆರೆದು 'ಲಿಂಕ್ ಸ್ಪೀಡ್' ಎಂಬ ಸಾಲು ಓದಿ. 1000/1000 ಇದ್ದರೆ ಸರಿ. 100/100 ಇದ್ದರೆ ಕಳ್ಳ ಸಿಕ್ಕಿಬಿದ್ದ. ಫೈಬರ್ ಕನೆಕ್ಷನ್ ಜೊತೆ ಬರುವ ಕೆಲವು ಪೆಟ್ಟಿಗೆಗಳ ಲ್ಯಾನ್ ಪೋರ್ಟ್ 100 ಎಂಬಿಪಿಎಸ್‌ನದೇ ಇರುತ್ತದೆ, ಇಲ್ಲವೇ ನಾಲ್ಕರಲ್ಲಿ ಒಂದು ಮಾತ್ರ ಗಿಗಾಬಿಟ್ ಇರುತ್ತದೆ. ಪೋರ್ಟ್ ಸರಿಯಿದ್ದರೆ ಕೇಬಲ್ ನೋಡಿ. 100ಕ್ಕೆ ನಾಲ್ಕು ತಂತಿ ಸಾಕು, 1000ಕ್ಕೆ ಎಂಟೂ ತಂತಿ ಕೂಡಬೇಕು. ಪ್ಲಗ್ ಕ್ರಿಂಪ್ ಮಾಡುವಾಗ (ತಂತಿಗೆ ಒತ್ತಿ ಕೂರಿಸುವಾಗ) ಒಂದು ತಂತಿ ಒಳಗೆ ಸರಿಯಾಗಿ ತಾಗದಿದ್ದರೂ ವೇಗ ಸದ್ದಿಲ್ಲದೆ 100ಕ್ಕೆ ಇಳಿಯುತ್ತದೆ. ಇಂಟರ್‌ನೆಟ್ ಬಳಕೆಯಲ್ಲಿ ಇದು ಗೊತ್ತೇ ಆಗುವುದಿಲ್ಲ. ವಿಆರ್‌ನಲ್ಲಿ ಆಗುವುದು ಹೀಗೆ: ಮೆನುವಿನಲ್ಲಿ ಚಿತ್ರ ಸೊಗಸಾಗಿರುತ್ತದೆ, ಯಾಕೆಂದರೆ ನಿಂತ ಚಿತ್ರಕ್ಕೆ ಡೇಟಾ ಕಡಿಮೆ ಸಾಕು. ಆಟ ಶುರುವಾಗಿ ಥಟ್ಟನೆ ತಲೆ ಹೊರಳಿಸಿದಿರೋ, 150 ಎಂಬಿಪಿಎಸ್ ವಿಡಿಯೊ 100ರ ಬಾಗಿಲಲ್ಲಿ ಸಿಕ್ಕಿಕೊಳ್ಳುತ್ತದೆ. ಕ್ಯಾಟ್ 5ಇ ಅಥವಾ ಕ್ಯಾಟ್ 6 ಕೇಬಲ್, ಫ್ಯಾಕ್ಟರಿಯಲ್ಲೇ ಪ್ಲಗ್ ಹಾಕಿದ್ದು, ತಂದುಬಿಡಿ. ಹೊಸ ಗ್ರಾಫಿಕ್ಸ್ ಕಾರ್ಡಿನ ಮುಂದೆ ಅದರ ಬೆಲೆ ಏನೇನೂ ಅಲ್ಲ.

ಇನ್ನು ರೌಟರ್‌ನ ಸೆಟ್ಟಿಂಗ್. 2.4 ಮತ್ತು 5 ಗಿಗಾಹರ್ಟ್ಸ್‌ಗೆ ಬೇರೆ ಬೇರೆ ಹೆಸರು ಕೊಟ್ಟು, 5ರ ಹೆಸರಿಗೆ ಹೆಡ್‌ಸೆಟ್ ಒಂದನ್ನೇ ಸೇರಿಸಿ. ಮನೆಯ ಫೋನು, ಟಿವಿಗಳೆಲ್ಲ 2.4ರಲ್ಲೇ ಇರಲಿ. ಚಾನೆಲ್ ಅಗಲ 80 ಮೆಗಾಹರ್ಟ್ಸ್. ಚಾನೆಲ್ 'ಆಟೋ' ಬೇಡ, 36ರಿಂದ 48ರೊಳಗೆ ಒಂದನ್ನು ನೀವೇ ಹಾಕಿ. 52ರಿಂದ 144ರ ತನಕದ ಚಾನೆಲ್‌ಗಳಲ್ಲಿ ರಾಡಾರ್ ಸಿಗ್ನಲ್ ಸುಳಿವು ಸಿಕ್ಕರೆ ರೌಟರ್ ನಿಯಮದಂತೆ ಜಾಗ ಖಾಲಿ ಮಾಡುತ್ತದೆ, ಆ ಕ್ಷಣ ಚಿತ್ರ ಕಡಿಯುತ್ತದೆ. ಹೆಡ್‌ಸೆಟ್ ಹಿಡಿದ ವೇಗ ವೈಫೈ 5 ಆದರೆ 866, ವೈಫೈ 6 ಆದರೆ 1200 ಎಂಬಿಪಿಎಸ್ ಆಸುಪಾಸು ಇರಬೇಕು.

ರೌಟರ್ ಆಡುವ ಕೋಣೆಯಲ್ಲೇ ಇರಬೇಕು. ಇದರಲ್ಲಿ ರಾಜಿ ಇಲ್ಲ. ಹಳೆಯ ಮಾಳಿಗೆ ಮನೆಗಳ ಮಣ್ಣು-ಕಲ್ಲಿನ ಗೋಡೆಯಾಗಲಿ, ಬಂಡೆ ಕಲ್ಲು ಕಟ್ಟಿದ ಗೋಡೆಯಾಗಲಿ, 5 ಗಿಗಾಹರ್ಟ್ಸ್ ಅಲೆಯನ್ನು ನುಂಗಿಬಿಡುತ್ತದೆ. ಫೈಬರ್ ಪೆಟ್ಟಿಗೆ ಪಡಸಾಲೆಯಲ್ಲಿ ಇದ್ದು ಪಿಸಿ ಒಳಕೋಣೆಯಲ್ಲಿದ್ದರೆ, ಒಂದು ಬೇರೆ ವೈಫೈ 6 ರೌಟರ್ ತಂದು ಪಿಸಿ ಪಕ್ಕದಲ್ಲಿ ಆಕ್ಸೆಸ್ ಪಾಯಿಂಟ್ ಆಗಿ, ಅಂದರೆ ಬರೀ ವೈಫೈ ಹಂಚುವ ಪೆಟ್ಟಿಗೆಯಾಗಿ ಇಡಿ. ಲ್ಯಾನ್ ಕೇಬಲ್ ಗೋಡೆ ದಾಟಲಿ, ವೈಫೈ ದಾಟುವುದು ಬೇಡ. ವೈಫೈಯನ್ನೇ ಹಿಡಿದು ಮುಂದಕ್ಕೆ ದಾಟಿಸುವ ಮೆಶ್ ಅಥವಾ ರೇಂಜ್ ಎಕ್ಸ್‌ಟೆಂಡರ್ ಇದಕ್ಕೆ ಉಪಯೋಗವಿಲ್ಲ.

ವೈಫೈನಲ್ಲಿ ಆಡಲು ಮೂರು ಆಪ್‌ಗಳಿವೆ: ಮೆಟಾದ ಏರ್ ಲಿಂಕ್, ವಾಲ್ವ್‌ನ ಸ್ಟೀಮ್ ಲಿಂಕ್, ಮತ್ತು ವರ್ಚುವಲ್ ಡೆಸ್ಕ್‌ಟಾಪ್. ಮೊದಲೆರಡಕ್ಕೆ ದುಡ್ಡಿಲ್ಲ, ಮೂರನೆಯದನ್ನು ಹೆಡ್‌ಸೆಟ್‌ನ ಸ್ಟೋರ್‌ನಲ್ಲಿ ಕೊಳ್ಳಬೇಕು. ಹೊಸಬರು ಸ್ಟೀಮ್ ಲಿಂಕ್‌ನಿಂದ ಶುರುಮಾಡಲಿ ಎಂಬುದು ನನ್ನ ಅಭಿಪ್ರಾಯ. ಪಿಸಿಯಲ್ಲಿ ಸ್ಟೀಮ್ (ವಾಲ್ವ್‌ನ ಆಟದ ಅಂಗಡಿ) ಮತ್ತು ಅದರ ವಿಆರ್ ತಂತ್ರಾಂಶ ಸ್ಟೀಮ್‌ವಿಆರ್ ಹಾಕಿ, ಹೆಡ್‌ಸೆಟ್‌ನಲ್ಲಿ ಸ್ಟೀಮ್ ಲಿಂಕ್ ಹಾಕಿ, ಹೆಡ್‌ಸೆಟ್ ತೋರಿಸುವ ಅಂಕಿಗಳನ್ನು ಪಿಸಿಯಲ್ಲಿ ಟೈಪ್ ಮಾಡಿದರೆ ಜೋಡಿಯಾಯಿತು. ಆದರೆ ರೋಗ ಪತ್ತೆಗೆ ವರ್ಚುವಲ್ ಡೆಸ್ಕ್‌ಟಾಪ್‌ನಷ್ಟು ಒಳ್ಳೆಯದು ಇನ್ನೊಂದಿಲ್ಲ. ಅದರ ಸ್ಟ್ರೀಮಿಂಗ್ ಸೆಟ್ಟಿಂಗ್‌ನಲ್ಲಿ ಪರ್ಫಾರ್ಮೆನ್ಸ್ ಓವರ್‌ಲೇ ಆನ್ ಮಾಡಿದರೆ ಆಟ, ಎನ್‌ಕೋಡ್, ನೆಟ್‌ವರ್ಕ್, ಡಿಕೋಡ್ ಎಂದು ನಾಲ್ಕು ಘಟ್ಟಗಳ ಮಿಲಿಸೆಕೆಂಡ್ ಕಣ್ಣೆದುರೇ ಬೇರೆ ಬೇರೆಯಾಗಿ ಕಾಣುತ್ತದೆ. ನೆಟ್‌ವರ್ಕ್‌ನ ಅಂಕಿ ಆಗಾಗ ಚಿಮ್ಮುತ್ತಿದ್ದರೆ ರೌಟರ್ ಅಥವಾ ಲ್ಯಾನ್ ಕೇಬಲ್. ಡಿಕೋಡ್ ಏರಿದ್ದರೆ ಬಿಟ್‌ರೇಟ್ (ಸೆಕೆಂಡಿಗೆ ಹೋಗುವ ವಿಡಿಯೊ ಡೇಟಾ) ಅತಿಯಾಗಿದೆ, ಇಳಿಸಿ. ಎನ್‌ಕೋಡ್ ಏರಿದ್ದರೆ ಕೋಡೆಕ್, ಅಂದರೆ ವಿಡಿಯೊ ಅದುಮುವ ವಿಧಾನ, ಬದಲಿಸಿ ನೋಡಿ. ಎವಿ1 ಬೇಕೆಂದರೆ ಕ್ವೆಸ್ಟ್ 3 ಅಥವಾ 3ಎಸ್ ಜೊತೆಗೆ ಆರ್‌ಟಿಎಕ್ಸ್ 40 ಸಾಲಿನ ಅಥವಾ ಅದಕ್ಕೆ ಸಮನಾದ ಹೊಸ ಕಾರ್ಡ್ ಇರಬೇಕು; ಹಳೆಯ ಕಾರ್ಡಿಗೆ ಎಚ್‌ಇವಿಸಿ ಅಥವಾ ಎಚ್.264. ಆಟದ ಅಂಕಿ ಒಂದೇ ಮೇಲಿದ್ದು ಉಳಿದ ಮೂರೂ ಸುಮ್ಮನಿದ್ದರೆ ಮಾತ್ರ ಅದು ಕಾರ್ಡಿನ ಮಾತು.

ಆಗಲೂ ಮೊದಲು ಒಂದು ನೋಡಿ. ಲಿಂಕ್ ಆಪ್‌ನಲ್ಲಿ ರೆಂಡರ್ ರೆಸಲ್ಯೂಷನ್ (ಕಾರ್ಡ್ ಬರೆಯುವ ಚಿತ್ರದ ಸೂಕ್ಷ್ಮತೆ) ಏರಿಸಿ, ಸ್ಟೀಮ್‌ವಿಆರ್‌ನಲ್ಲೂ 150 ಶೇಕಡಾ ಇಟ್ಟರೆ ಎರಡೂ ಗುಣಾಕಾರವಾಗುತ್ತವೆ. ಸ್ಟೀಮ್‌ವಿಆರ್‌ನಲ್ಲಿ 100 ಇಟ್ಟು ಒಂದೇ ಕಡೆ ಹೆಚ್ಚು ಕಡಿಮೆ ಮಾಡಿ. ಆಟದೊಳಗೆ ನೆರಳುಗಳ ಗುಣಮಟ್ಟ ಇಳಿಸಿ. ಅದೂ ಸಾಲದಿದ್ದರೆ 90ರಿಂದ 72 ಹರ್ಟ್ಸ್‌ಗೆ ಬನ್ನಿ.

ಆಟ ಹೆಡ್‌ಸೆಟ್‌ನಲ್ಲಿ ತೆರೆಯದೆ ಮಾನಿಟರ್‌ನಲ್ಲಷ್ಟೇ ತೆರೆದರೆ ಅದು ಹೆಚ್ಚಾಗಿ ಓಪನ್‌ಎಕ್ಸ್‌ಆರ್ ರನ್‌ಟೈಮ್‌ನ, ಅಂದರೆ ಆಟ ಮತ್ತು ಹೆಡ್‌ಸೆಟ್ ನಡುವಿನ ಸೇತುವೆ ತಂತ್ರಾಂಶದ ಗೊಂದಲ. ಮೆಟಾ, ಸ್ಟೀಮ್‌ವಿಆರ್, ವರ್ಚುವಲ್ ಡೆಸ್ಕ್‌ಟಾಪ್ ಮೂರಕ್ಕೂ ತಮ್ಮದೇ ರನ್‌ಟೈಮ್ ಇದೆ, ಒಂದು ಹೊತ್ತಿಗೆ ವಿಂಡೋಸ್‌ಗೆ ಒಂದೇ ಯಜಮಾನ. ಸ್ಟೀಮ್ ಲಿಂಕ್ ಬಳಸುವವರು ಸ್ಟೀಮ್‌ವಿಆರ್ ಸೆಟ್ಟಿಂಗ್ಸ್‌ನಲ್ಲಿ ಅದನ್ನೇ ಓಪನ್‌ಎಕ್ಸ್‌ಆರ್ ರನ್‌ಟೈಮ್ ಮಾಡಿ. ಮೆಟಾ ಲಿಂಕ್ ಬಳಸುವವರು ಅದರ ಜನರಲ್ ಸೆಟ್ಟಿಂಗ್‌ನಲ್ಲಿ ಅದನ್ನು ಆಕ್ಟಿವ್ ಮಾಡಿ, ಹಾಗೇ 'ಅನ್‌ನೋನ್ ಸೋರ್ಸಸ್' ಕೂಡ ಆನ್ ಮಾಡಿ. ಇಲ್ಲದಿದ್ದರೆ ಸ್ಟೀಮ್ ಆಟಗಳನ್ನು ಅದು ಒಳಗೆ ಬಿಡುವುದಿಲ್ಲ. ಲ್ಯಾಪ್‌ಟಾಪ್ ಆದರೆ ಚಾರ್ಜರ್ ಹಾಕಿಯೇ ಆಡಿ. ಕಪ್ಪು ಪರದೆ ಬಂದರೆ ವಿಂಡೋಸ್ ಗ್ರಾಫಿಕ್ಸ್ ಸೆಟ್ಟಿಂಗ್‌ನಲ್ಲಿ ಸ್ಟೀಮ್‌ವಿಆರ್ ಮತ್ತು ಆಟ ಎರಡಕ್ಕೂ 'ಹೈ ಪರ್ಫಾರ್ಮೆನ್ಸ್' ಕೊಡಿ.

ತಲೆಗೆ ಹಾಕಿಕೊಳ್ಳುವ ಮುಂಚೆ ಕಣ್ಣುಗಳ ನಡುವಿನ ಅಂತರ ಗೊತ್ತಿರಬೇಕು. ಕನ್ನಡಕದ ಅಂಗಡಿಯಲ್ಲಿ ಪಿಡಿ (ಅಂದರೆ ಈ ಅಂತರ) ಅಳೆದುಕೊಡಿ ಎಂದು ಕೇಳಿದರೆ ಮಿಲಿಮೀಟರ್‌ನಲ್ಲಿ ಬರೆದುಕೊಡುತ್ತಾರೆ. ಕ್ವೆಸ್ಟ್ 3ರಲ್ಲಿ ತಿರುಪು ತಿರುಗಿಸಿ ಅಷ್ಟಕ್ಕೇ ಹೊಂದಿಸಬಹುದು. ಕ್ವೆಸ್ಟ್ 2 ಮತ್ತು 3ಎಸ್‌ನಲ್ಲಿ 58, 63, 68 ಎಂದು ಮೂರೇ ಜಾಗ, ಹತ್ತಿರದ್ದಕ್ಕೆ ಸರಿಸಿ. ಚಿತ್ರ ಮಬ್ಬು, ಹಣೆ ನೋವು ಎನ್ನುವವರಲ್ಲಿ ಬಹಳ ಜನ ಇದನ್ನು ಮುಟ್ಟಿಯೇ ಇರುವುದಿಲ್ಲ. ಕನ್ನಡಕ ಹಾಕಿಯೇ ಆಡುವವರು ಲೆನ್ಸಿಗೂ ಮುಖಕ್ಕೂ ನಡುವೆ ಅಂತರ ಹೆಚ್ಚಿಸಿ, ಗಾಜಿಗೆ ಗಾಜು ತಾಗದಂತೆ ನೋಡಿಕೊಳ್ಳಿ. ಮೊದಲ ದಿನಗಳಲ್ಲಿ ಹತ್ತು ಹದಿನೈದು ನಿಮಿಷ ಸಾಕು. ಹೊಟ್ಟೆ ತೊಳಸಿದಂತಾದರೆ ತಡೆದುಕೊಂಡು ಆಡಬೇಡಿ, ತೆಗೆದಿಡಿ. ಎದುರಿಗೊಂದು ಟೇಬಲ್ ಫ್ಯಾನ್ ಇಟ್ಟುಕೊಂಡರೆ ಸಂಕಟವೂ ಕಡಿಮೆ, ಯಾವ ಕಡೆ ಮುಖ ಮಾಡಿದ್ದೇವೆಂಬ ಅರಿವೂ ಇರುತ್ತದೆ.

ಸೀಲಿಂಗ್ ಫ್ಯಾನ್ ಮಾತ್ರ ಅಪಾಯ. ಆಡುವ ಜಾಗಕ್ಕೆಂದು ಹೆಡ್‌ಸೆಟ್‌ನಲ್ಲಿ ನೆಲದ ಮೇಲೆ ಎಳೆಯುವ ಗಡಿಗೆರೆ ಸುತ್ತಲಿನ ಗೋಡೆಯನ್ನು ಕಾಯುತ್ತದೆ, ತಲೆಯ ಮೇಲಿನ ರೆಕ್ಕೆಯನ್ನಲ್ಲ. ಕೈ ಮೇಲೆತ್ತಿ ಕಂಟ್ರೋಲರ್ ಬೀಸುವ ಆಟಗಳಲ್ಲಿ ಫ್ಯಾನ್ ನೇರ ಕೆಳಗೆ ನಿಲ್ಲಲೇಬೇಡಿ. ಎರಡು ಮೀಟರ್‌ಗೆ ಎರಡು ಮೀಟರ್ ಖಾಲಿ ಜಾಗ ಫ್ಯಾನ್‌ನಿಂದ ಆಚೆ ಸಿಗುವಂತೆ ಮಂಚ, ಕುರ್ಚಿ ಸರಿಸಿ.

ತಲೆ, ಕೈ ಎಲ್ಲಿದೆಯೆಂದು ತಿಳಿಯಲು ಹೆಡ್‌ಸೆಟ್‌ನ ಕ್ಯಾಮೆರಾಗಳು ಕೋಣೆಯ ಗುರುತು ಹಿಡಿದು ಕೆಲಸ ಮಾಡುತ್ತವೆ. ಬರೀ ಸುಣ್ಣದ ಗೋಡೆ, ಹೊಳೆಯುವ ಗ್ರಾನೈಟ್ ನೆಲ, ಅಲ್ಮೇರಾದ ಕನ್ನಡಿ ಇದ್ದರೆ ಅವಕ್ಕೆ ಗುರುತು ಸಿಗುವುದಿಲ್ಲ. ಗೋಡೆಗೆ ಒಂದೆರಡು ಕ್ಯಾಲೆಂಡರ್, ನೆಲಕ್ಕೆ ಒಂದು ಜಮಖಾನೆ, ಕನ್ನಡಿಗೆ ಬಟ್ಟೆ ಹಾಕಿದರೆ ಮುಗಿಯಿತು. ಟ್ರ್ಯಾಕಿಂಗ್ ಫ್ರೀಕ್ವೆನ್ಸಿ ಎಂಬ ಸೆಟ್ಟಿಂಗ್ ಇದ್ದರೆ 50 ಹರ್ಟ್ಸ್ ಇಡಿ, ನಮ್ಮ ಕರೆಂಟು 50 ಹರ್ಟ್ಸ್‌ನದು. ಟ್ಯೂಬ್‌ಲೈಟಿನ ಮಿನುಗು ಅದಕ್ಕೆ ಹೊಂದುತ್ತದೆ.

ಕರೆಂಟಿನ ಮಾತು ಬಂದದ್ದಕ್ಕೆ: 600 ವಿಎ ಯುಪಿಎಸ್ ಸಾಮಾನ್ಯವಾಗಿ 360 ವಾಟ್ ಹೊರುತ್ತದೆ. ಆರ್‌ಟಿಎಕ್ಸ್ 3060 ಒಂದೇ 170 ವಾಟ್ ಎಳೆಯುತ್ತದೆ. ಪ್ರೊಸೆಸರ್, ಮಾನಿಟರ್ ಸೇರಿದರೆ ಆಟದ ನಡುವೆ ಯುಪಿಎಸ್ ಕೂಗಿ ಕೈಬಿಡುವ ಸಾಧ್ಯತೆ ಇದೆ. 1 ಕೆವಿಎ ತಗೊಳ್ಳಿ. ರೌಟರ್‌ಗೂ ಅದರಿಂದಲೇ ಲೈನ್ ಕೊಡಿ.

ಕೊನೆಗೆ ಬಿಸಿಲು ಮತ್ತು ದೂಳು. ಏಪ್ರಿಲ್, ಮೇ ತಿಂಗಳಲ್ಲಿ 40 ಡಿಗ್ರಿ ದಾಟುವ ಊರುಗಳು ನಮ್ಮವು. ಮಧ್ಯಾಹ್ನ ಕೂಲರ್ ಇಲ್ಲದ ಕೋಣೆಯಲ್ಲಿ ಹೆಡ್‌ಸೆಟ್ ಬೇಗ ಬಿಸಿಯಾಗಿ ತಾನೇ ನಿಲ್ಲುತ್ತದೆ, ಬೆಳಗ್ಗೆ ಅಥವಾ ರಾತ್ರಿ ಆಡಿ. ಕೂಲರ್ ಇದ್ದರೆ ಅದರ ತೇವದ ಗಾಳಿ ನೇರ ಲೆನ್ಸಿಗೆ ಬಡಿಯದಿರಲಿ, ಮಬ್ಬು ಕಟ್ಟುತ್ತದೆ. ಬಿಸಿಲಿನ ದೊಡ್ಡ ಅಪಾಯ ಬೇರೆಯೇ. ಲೆನ್ಸ್ ಭೂತಗನ್ನಡಿಯೇ ಆದ್ದರಿಂದ, ಕಿಟಕಿಯಿಂದ ಬಿದ್ದ ಬಿಸಿಲು ಅದರ ಮೂಲಕ ಒಳಗಿನ ಪರದೆಯ ಮೇಲೆ ಒಟ್ಟುಗೂಡಿ ಸ್ವಲ್ಪ ಹೊತ್ತಿನಲ್ಲೇ ಸುಟ್ಟ ಕಲೆ ಮಾಡುತ್ತದೆ. ಅದಕ್ಕೆ ರಿಪೇರಿ ಇಲ್ಲ. ತೆಗೆದ ಕೂಡಲೇ ಲೆನ್ಸ್ ಕೆಳಮುಖ ಮಾಡಿ ಇಡಿ ಅಥವಾ ಬಟ್ಟೆ ಮುಚ್ಚಿ. ಸಂಜೆ ಪಡುವಣದ ಕಿಟಕಿಯ ಬಿಸಿಲು ಕೋಣೆಯ ಎಷ್ಟು ಒಳಕ್ಕೆ ಬರುತ್ತದೆ ಎಂಬುದನ್ನು ಒಮ್ಮೆ ನೋಡಿಕೊಂಡು ಇಡುವ ಜಾಗ ಆರಿಸಿ.

ಸಂಡೂರು, ತೋರಣಗಲ್ಲು ಕಡೆಯ ಕೆಂಪು ದೂಳು ಅದಿರಿನದು, ಕಣ ಗಟ್ಟಿ. ಲೆನ್ಸ್ ಪ್ಲಾಸ್ಟಿಕ್ಕಿನದು, ಒರೆಸಿದರೆ ಗೀರು ಬೀಳುತ್ತದೆ. ಜೀನ್ಸ್‌ಗೆ ಹೆಸರಾದ ಬಳ್ಳಾರಿಯವರೆಂದು ಪ್ಯಾಂಟಿನ ತುದಿಗೋ ಅಂಗಿಯ ಚುಂಗಿಗೋ ಒರೆಸಬೇಡಿ. ಮೊದಲು ಕ್ಯಾಮೆರಾ ಲೆನ್ಸಿಗೆ ಬಳಸುವ ರಬ್ಬರ್ ಬ್ಲೋಯರ್‌ನಿಂದ ಊದಿ ಕಣ ಹಾರಿಸಿ. ಆಮೇಲೆ ಒಣ ಮೈಕ್ರೋಫೈಬರ್ ಬಟ್ಟೆಯಿಂದ ನಡುವಿನಿಂದ ಅಂಚಿನ ಕಡೆಗೆ ಹಗುರವಾಗಿ ಸುತ್ತಿಸಿ ಒರೆಸಿ. ಸ್ಪಿರಿಟ್, ಗಾಜು ಒರೆಸುವ ದ್ರಾವಣ ಯಾವುದೂ ತಾಗಬಾರದು. ಬೆವರು ಹೀರಿದ ಮುಖದ ಸ್ಪಂಜನ್ನು ಬಿಚ್ಚಿ ನೆರಳಲ್ಲಿ ಆರಹಾಕಿ, ಪೂರ್ತಿ ಒಣಗಿದ ಮೇಲೆಯೇ ಮತ್ತೆ ಕೂರಿಸಿ.