ಹುಯೆ ಅರಮನೆ, ಸಮಾಧಿಗಳು ಒಂದೇ ದಿನದಲ್ಲಿ: ಗುಂಪು ಟೂರ್ ಬುಕ್ ಮಾಡುವ ಮುಂಚೆ ಓದಿ

ವಿಯೆಟ್ನಾಂಗೆ ಹೊರಟವರ ಪಟ್ಟಿಯಲ್ಲಿ ಹನೋಯ್, ಹಾ ಲಾಂಗ್ ಬೇ, ದನಾಂಗ್ ಇದ್ದೇ ಇರುತ್ತವೆ. ಹುಯೆ ಮಾತ್ರ 'ಟೈಮ್ ಸಿಕ್ಕರೆ ನೋಡೋಣ' ಅನ್ನುವ ಸಾಲಿನಲ್ಲಿ ಉಳಿದುಬಿಡುತ್ತದೆ. ದಯವಿಟ್ಟು ಹಾಗೆ ಬಿಡಬೇಡಿ. 1802ರಿಂದ 1945ರವರೆಗೆ ನ್ಗುಯೆನ್ ವಂಶದ 13 ರಾಜರು ಕೂತ ಊರು ಇದು. ವಿಯೆಟ್ನಾಂನಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದ ಮೊದಲ ಜಾಗವೂ ಇದೇ, 1993ರಲ್ಲಿ. ಕೋಟೆ, ಅರಮನೆ, ರಾಜರ ಸಮಾಧಿಗಳು, ನದಿ ದಡದ ಬೌದ್ಧ ಗೋಪುರ, ಎಲ್ಲವನ್ನೂ ಒಂದೇ ದಿನದ ಗುಂಪು ಟೂರ್‌ನಲ್ಲಿ ನೋಡಬಹುದು. ನಾವು ನೋಡಿದ್ದು ಹಾಗೆಯೇ.

ಗುಂಪು ಟೂರ್ ಅಂದರೆ ಕೆಲವರಿಗೆ ಆಗುವುದಿಲ್ಲ. ಬಾವುಟ ಹಿಡಿದವರ ಹಿಂದೆ ಓಡಬೇಕು, ಬೇಕಾದ ಕಡೆ ನಿಲ್ಲೋಕೆ ಆಗಲ್ಲ ಅಂತ. ಬೇರೆ ಊರಲ್ಲಾದರೆ ನಾನೂ ಹೂಂ ಅನ್ನುತ್ತೇನೆ. ಹುಯೆಯಲ್ಲಿ ಮಾತ್ರ ಗೈಡ್ ಬೇಕೇ ಬೇಕು, ಯಾಕೆಂದರೆ ಇಲ್ಲಿ ಅರ್ಧ ಅರಮನೆ ಈಗ ಇಲ್ಲ. ರಾಜನ ಖಾಸಗಿ ಆವರಣವಾಗಿದ್ದ ಜಾಗದ ದೊಡ್ಡ ಪಾಲು ಇವತ್ತು ಹುಲ್ಲು, ಮಧ್ಯೆ ಮಧ್ಯೆ ಕಟ್ಟಡದ ತಳಪಾಯ. 1947ರಲ್ಲಿ ಫ್ರೆಂಚರ ಜೊತೆಗಿನ ಯುದ್ಧದಲ್ಲಿ ಒಂದಷ್ಟು ಸುಟ್ಟುಹೋಯಿತು. ವಿಯೆಟ್ನಾಂ ಯುದ್ಧದ ವೇಳೆ, 1968ರ ಟೆಟ್ (ಅಲ್ಲಿನ ಹೊಸವರ್ಷದ ಹಬ್ಬ) ದಾಳಿಯಲ್ಲಿ ವಾರಗಟ್ಟಲೆ ಇದೇ ಗೋಡೆಗಳೊಳಗೆ ಹೋರಾಟ ನಡೆದು ಮತ್ತಷ್ಟು ನೆಲಸಮವಾಯಿತು. ಸುಮ್ನೆ ಒಬ್ಬರೇ ನಡೆದರೆ 'ಏನಿದೆ ಇಲ್ಲಿ, ಬರೀ ಹುಲ್ಲು' ಅನ್ನಿಸುತ್ತದೆ. ನಮ್ಮ ಗೈಡ್ ಆ ಹುಲ್ಲಿನ ಮೇಲೆ ನಿಂತು ಇಲ್ಲಿ ರಾಜ ಮಲಗುತ್ತಿದ್ದ, ಅಲ್ಲಿ ರಾಣಿಯರ ಸಾಲುಮನೆ, ಈ ಕಡೆ ಅಡುಗೆಯವರು ಅಂತ ಕೈ ತೋರಿಸಿ ಹೇಳುತ್ತಾ ಹೋದಾಗ ಖಾಲಿ ಜಾಗಕ್ಕೆ ಅರ್ಥ ಬಂತು.

ಇನ್ನೊಂದು ಕಾರಣ ದೂರ. ಸಮಾಧಿಗಳು ಕೋಟೆಯ ಪಕ್ಕದಲ್ಲಿಲ್ಲ, ಊರಿನ ದಕ್ಷಿಣಕ್ಕೆ ಗುಡ್ಡಗಳ ನಡುವೆ ಚದುರಿಹೋಗಿವೆ. ಮಿನ್ ಮಾಂಗ್ ರಾಜನ ಸಮಾಧಿಯಂತೂ ಸುಮಾರು 12 ಕಿ.ಮೀ. ಆಚೆ. ಒಂದೊಂದಕ್ಕೂ ಬೇರೆ ಬೇರೆ ಗಾಡಿ ಮಾಡಿಕೊಂಡು ತಿರುಗುವುದಕ್ಕಿಂತ ವ್ಯಾನಿನಲ್ಲಿ ಕೂತು ಹೋಗುವುದೇ ಆರಾಮ.

ಎಲ್ಲಕ್ಕಿಂತ ಮೊದಲು ತೀರ್ಮಾನಿಸಬೇಕಾದದ್ದು ಎಲ್ಲಿ ಉಳಿಯುವುದು ಅಂತ. ದನಾಂಗ್ ಮತ್ತು ಹೋಯ್ ಆನ್‌ನಿಂದಲೂ 'ಹುಯೆ ಒಂದು ದಿನ' ಅಂತ ಟೂರ್ ಮಾರುತ್ತಾರೆ. ದನಾಂಗ್‌ನಿಂದ ಹುಯೆಗೆ ಸುಮಾರು 100 ಕಿ.ಮೀ., ಹೋಯ್ ಆನ್ ಇನ್ನೂ ಆಚೆ. ಹೋಗಿ ಬರುವ ದಾರಿಯೇ ಅರ್ಧ ದಿನ ತಿಂದುಹಾಕುತ್ತದೆ, ಉಳಿದ ಅರ್ಧದಲ್ಲಿ ನಾಲ್ಕು ಜಾಗ ಅಂದರೆ ಎಲ್ಲೂ ಕಾಲೂರಿ ನಿಲ್ಲೋಕಾಗಲ್ಲ. ಹಿಂದಿನ ದಿನವೇ ಹುಯೆಗೆ ಬಂದು ರಾತ್ರಿ ಉಳಿದುಕೊಳ್ಳಿ. ದನಾಂಗ್‌ನಿಂದ ಬರುವ ರೈಲು ಹಾಯ್ ವಾನ್ ಘಟ್ಟದ ಬದಿಯಲ್ಲಿ ಸಮುದ್ರಕ್ಕೆ ಅಂಟಿಕೊಂಡ ಹಾಗೆ ಸಾಗುತ್ತದೆ, ಎರಡೂವರೆ ಮೂರು ಗಂಟೆಯ ದಾರಿ. ರಸ್ತೆಯಲ್ಲಿ ಸುರಂಗ ಹಿಡಿದು ಬಂದರೆ ಬೇಗ ತಲುಪುತ್ತೀರಿ, ಆದರೆ ಆ ಸಮುದ್ರ ಕಾಣುವುದಿಲ್ಲ. ನಾನಾದರೆ ರೈಲನ್ನೇ ಹೇಳುತ್ತೇನೆ.

ಹುಯೆಯಲ್ಲಿ ಹೋಟೆಲ್ ರಿಸೆಪ್ಷನ್‌ನಲ್ಲೂ ಟೂರ್ ಬುಕ್ ಮಾಡಿಕೊಡುತ್ತಾರೆ, ಆನ್‌ಲೈನ್‌ನಲ್ಲೂ ಸಿಗುತ್ತದೆ. ಬೆಲೆ ನೋಡಿ ಆರಿಸಬೇಡಿ. ತೀರಾ ಕಮ್ಮಿ ಬೆಲೆಯ ಟೂರ್‌ಗಳಲ್ಲಿ ಪ್ರವೇಶ ಟಿಕೆಟ್ ಸೇರಿರುವುದಿಲ್ಲ, ಗೇಟಿನ ಹತ್ತಿರ ಹೋದಮೇಲೆ ಕೈಯಿಂದ ಕೊಡಬೇಕಾಗುತ್ತದೆ. ಆ ದುಡ್ಡು ಚಿಕ್ಕದಲ್ಲ. ನಾವು ಹೋದಾಗ ಅರಮನೆಗೆ 2,00,000 ಡಾಂಗ್, ಒಂದೊಂದು ದೊಡ್ಡ ಸಮಾಧಿಗೆ 1,50,000 ಡಾಂಗ್ ಇತ್ತು. ಅರಮನೆ ಮತ್ತು ಮೂರು ಸಮಾಧಿ ಸೇರಿಸಿದ ಕಾಂಬೊ ಟಿಕೆಟ್ 5,30,000 ಡಾಂಗ್. ಈ ಕಾಂಬೊ ಎರಡು ದಿನ ನಡೆಯುತ್ತದೆ ಅನ್ನುವುದನ್ನು ನೆನಪಿಡಿ, ಆಮೇಲೆ ಉಪಯೋಗಕ್ಕೆ ಬರುತ್ತದೆ. ಡಾಂಗ್ ನೋಟಿನ ಸೊನ್ನೆಗಳು ಮೊದಮೊದಲು ತಲೆ ತಿರುಗಿಸುತ್ತವೆ. ಒಂದು ರೂಪಾಯಿಗೆ ಸುಮಾರು 300 ಡಾಂಗ್ ಅಂತ ಲೆಕ್ಕ ಇಟ್ಟುಕೊಂಡರೆ ಸಾಕು.

ಬುಕ್ ಮಾಡುವ ಮುಂಚೆ ನಾನು ಕೇಳಿದ ಇನ್ನೆರಡು ಪ್ರಶ್ನೆ ನೀವೂ ಕೇಳಿ. ಯಾವ ಯಾವ ಸಮಾಧಿಗೆ ಕರೆದುಕೊಂಡು ಹೋಗುತ್ತೀರಿ? ಅರಮನೆಯೊಳಗೆ ಎಷ್ಟು ಹೊತ್ತು ಬಿಡುತ್ತೀರಿ? ಎರಡನೆಯದಕ್ಕೆ 'ಒಂದು ಗಂಟೆ' ಅಂದರೆ ಬೇರೆ ಟೂರ್ ನೋಡಿ. ಎರಡು ಗಂಟೆಯಾದರೂ ಬೇಕು, ಎರಡೂವರೆ ಇದ್ದರೆ ಒಳ್ಳೆಯದು.

ನಮ್ಮ ಟೂರ್ ಬೆಳಿಗ್ಗೆ ಎಂಟರ ಸುಮಾರಿಗೆ ಹೋಟೆಲ್‌ನಿಂದಲೇ ಹತ್ತಿಸಿಕೊಂಡಿತು. ಮೊದಲು ಸಮಾಧಿಗಳು, ಮಧ್ಯಾಹ್ನದ ಮೇಲೆ ಅರಮನೆ. ಹೆಚ್ಚಿನವರು ಇದೇ ಕ್ರಮ ಇಟ್ಟುಕೊಂಡಿರುತ್ತಾರೆ.

ಮೊದಲು ಮಿನ್ ಮಾಂಗ್. 1840ರಿಂದ 1843ರವರೆಗೆ ಕಟ್ಟಿದ್ದು. ರಾಜ 1841ರಲ್ಲೇ ತೀರಿಕೊಂಡ, ಮುಗಿಸಿದ್ದು ಮಗ. ಸಮಾಧಿ ಅಂದಾಕ್ಷಣ ಒಂದು ಕಟ್ಟಡ ಅಂದುಕೊಳ್ಳಬೇಡಿ. ಇದು ಕೆರೆ, ಸೇತುವೆ, ಪೈನ್ ಮರಗಳಿರುವ ದೊಡ್ಡ ತೋಟ. ಹೆಬ್ಬಾಗಿಲಿನಿಂದ ಕೊನೆಯ ದಿಬ್ಬದವರೆಗೆ ಎಲ್ಲವೂ ಒಂದೇ ನೇರ ಗೆರೆಯಲ್ಲಿವೆ. ಒಂದು ಬಾಗಿಲಲ್ಲಿ ನಿಂತರೆ ಮುಂದಿನ ಬಾಗಿಲು ಸರಿಯಾಗಿ ಅದರ ಚೌಕಟ್ಟಿನೊಳಗೆ ಕಾಣುತ್ತದೆ. ಬೆಳಿಗ್ಗೆ ಜನ ಕಡಿಮೆ, ನೆರಳು ಜಾಸ್ತಿ. ಮೂರರಲ್ಲಿ ನನಗೆ ಅತಿ ಇಷ್ಟವಾದದ್ದು ಇದೇ. ಟೂರ್‌ನವರು ದೂರ ಅಂತ ಇದನ್ನೇ ಮೊದಲು ಕೈಬಿಡುತ್ತಾರೆ, ಅದಕ್ಕೇ ಮೊದಲೇ ಕೇಳಿ ಅಂದದ್ದು.

ಖಾಯ್ ದಿನ್ ರಾಜನ ಸಮಾಧಿ ಇದಕ್ಕೆ ಪೂರ್ತಿ ಉಲ್ಟಾ. 1920ರಲ್ಲಿ ಶುರುವಾಗಿ 1931ರಲ್ಲಿ ಮುಗಿದದ್ದು, ಫ್ರೆಂಚರ ಕಾಲ. ಜಾಗ ಚಿಕ್ಕದು, ಕಟ್ಟಿರುವುದು ಕಾಂಕ್ರೀಟಿನಲ್ಲಿ. ಮಳೆಗೆ ಕಪ್ಪಾದ ಗೋಡೆಗಳು, ಗುಡ್ಡದ ಮೇಲಕ್ಕೆ 127 ಮೆಟ್ಟಿಲು. ಮಂಡಿ ನೋವಿರುವವರು ನಿಧಾನವಾಗಿ ಹತ್ತಿ, ಮಧ್ಯೆ ಕಲ್ಲಿನ ಸೈನಿಕರು, ಕುದುರೆ, ಆನೆ ನಿಂತಿರುವ ಅಂಗಳದಲ್ಲಿ ಉಸಿರು ತೆಗೆದುಕೊಳ್ಳಬಹುದು. ಹೊರಗಿನಿಂದ ನೋಡಿದರೆ ಇಷ್ಟೇನಾ ಅನ್ನಿಸುತ್ತದೆ. ಒಳಗೆ ಕಾಲಿಟ್ಟರೆ ಗೋಡೆಯಲ್ಲಿ ಒಂದು ಇಂಚೂ ಖಾಲಿ ಇಲ್ಲ. ಎಲ್ಲ ಕಡೆ ಪಿಂಗಾಣಿ ಮತ್ತು ಗಾಜಿನ ಚೂರುಗಳನ್ನು ಜೋಡಿಸಿ ಮಾಡಿದ ಹೂವು, ಹಕ್ಕಿ, ಮರ, ಡ್ರ್ಯಾಗನ್.

ಇಲ್ಲಿ ಗುಂಪು ಮುಂದೆ ಹೋಗಲಿ, ನೀವು ಒಂದು ಗೋಡೆಯ ಹತ್ತಿರ ನಿಂತುಬಿಡಿ. ಚೂರುಗಳು ಬಿಡಿಬಿಡಿಯಾಗಿ ಕಾಣುವಷ್ಟು ಹತ್ತಿರ. ಒಂದು ಎಲೆಗೆ ಹಸಿರು ಗಾಜು, ಅದರ ನರಕ್ಕೆ ಬಟ್ಟಲಿನ ಅಂಚಿನ ತೆಳು ಚೂರು. ಕೆಲವು ಚೂರುಗಳ ಮೇಲೆ ಹಳೆಯ ಬಟ್ಟಲಿನ ನೀಲಿ ಚಿತ್ತಾರ ಇನ್ನೂ ಉಳಿದಿದೆ, ಅದನ್ನೇ ಹಕ್ಕಿಯ ರೆಕ್ಕೆಯ ಗರಿಗೆ ಹೊಂದಿಸಿದ್ದಾರೆ. ರಾಜನ ಕಂಚಿನ ಮೂರ್ತಿಯ ಮೇಲಿನ ಛತ್ರಿ ನೋಡಿದರೆ ರೇಷ್ಮೆ ಬಟ್ಟೆ ಇಳಿಬಿಟ್ಟ ಹಾಗಿದೆ. ಅದೂ ಕಾಂಕ್ರೀಟೇ. ಪಕ್ಕಕ್ಕೆ ಹೋಗಿ ಅಂಚು ನೋಡಿ, ಬಟ್ಟೆ ಗಾಳಿಗೆ ಮಡಚಿಕೊಂಡ ಹಾಗೆ ಅಲೆ ಬಂದಿದೆ. ತಲೆ ಎತ್ತಿದರೆ ಚಾವಣಿಯಲ್ಲಿ ಮೋಡಗಳೊಳಗೆ ಅಡಗಿದ ಒಂಬತ್ತು ಡ್ರ್ಯಾಗನ್‌ಗಳ ಚಿತ್ರ. ಇದಕ್ಕೆಲ್ಲ ದುಡ್ಡು ಎಲ್ಲಿಂದ ಬಂತು ಅಂತ ಯಾರೋ ಕೇಳಿದರು. ರಾಜ ಜನರ ಮೇಲೆ ತೆರಿಗೆ ಏರಿಸಿದ ಅಂತ ಗೈಡ್ ಮುಚ್ಚುಮರೆಯಿಲ್ಲದೆ ಹೇಳಿದರು. ಹಾಗೆ ನೇರವಾಗಿ ಹೇಳುವ ಗೈಡ್ ಸಿಕ್ಕರೆ ನಿಮ್ಮ ಪುಣ್ಯ.

ಮೂರನೆಯದು ತು ದುಕ್. 1864ರಿಂದ 1867ರೊಳಗೆ ಕಟ್ಟಿದ್ದು. ರಾಜ ಬದುಕಿರುವಾಗಲೇ ಇಲ್ಲಿ ಬಂದು ಇರುತ್ತಿದ್ದ, ಕೆರೆಯ ಮೇಲಿನ ಮರದ ಮಂಟಪದಲ್ಲಿ ಕೂತು ಪದ್ಯ ಬರೆಯುತ್ತಿದ್ದ. ಅದೇ ಹೊತ್ತಿಗೆ ದುಡಿದು ಸುಸ್ತಾದ ಕೂಲಿಯವರು 1866ರಲ್ಲಿ ದಂಗೆ ಎದ್ದರು, ಆ ಕತೆಯನ್ನೂ ಕೇಳಿ. ರಾಜನಿಗೆ ಮಕ್ಕಳಿರಲಿಲ್ಲ. ಅಪ್ಪನ ಬಗ್ಗೆ ಮಗ ಶಾಸನ ಬರೆಸುವುದು ಅಲ್ಲಿನ ಪದ್ಧತಿ, ಇವನು ತನ್ನ ಶಾಸನವನ್ನು ತಾನೇ ಬರೆದ. ಅದರಲ್ಲಿ ತನ್ನ ಆಳ್ವಿಕೆಯ ತಪ್ಪುಗಳನ್ನೂ ಬಿಡದೆ ಬರೆದಿದ್ದಾನೆ. ಸುಮಾರು 20 ಟನ್ ತೂಕದ ಆ ಕಲ್ಲು ಇನ್ನೂ ಅಲ್ಲೇ ನಿಂತಿದೆ. ಒಂದು ದಿನದ ಟೂರ್‌ನಲ್ಲಿ ಮೂರು ಸಮಾಧಿ ಜಾಸ್ತಿಯಾಗುತ್ತದೆ ಅನ್ನಿಸಿದರೆ ಇದನ್ನು ಬಿಟ್ಟು ಮರುದಿನಕ್ಕೆ ಇಟ್ಟುಕೊಳ್ಳಿ, ಊರಿಗೆ ಹತ್ತಿರದಲ್ಲೇ ಇದೆ.

ದಾರಿಯಲ್ಲಿ ಊದಿನಕಡ್ಡಿ ಮಾಡುವ ಊರಿನಲ್ಲಿ ನಿಲ್ಲಿಸುತ್ತಾರೆ. ಬಣ್ಣಬಣ್ಣದ ಕಡ್ಡಿಗಳನ್ನು ಹೂವಿನ ಹಾಗೆ ಹರಡಿಟ್ಟಿರುತ್ತಾರೆ, ಫೋಟೊ ಚೆನ್ನಾಗಿ ಬರುತ್ತದೆ. ಹತ್ತು ನಿಮಿಷ ಸಾಕು.

ಊಟದ ವಿಷಯ ಸಸ್ಯಾಹಾರಿಗಳು ಗಮನವಿಟ್ಟು ಓದಿ. ಹುಯೆ ಬೌದ್ಧರ ಊರು, ಚಾಂದ್ರಮಾನ ತಿಂಗಳ 1 ಮತ್ತು 15ನೇ ದಿನ ಮಾಂಸ ಬಿಡುವವರು ಬಹಳ ಮಂದಿ. ಹಾಗಾಗಿ ಸಸ್ಯಾಹಾರ ಇಲ್ಲಿ ಅಪರೂಪವಲ್ಲ, ಚೆನ್ನಾಗಿಯೂ ಮಾಡುತ್ತಾರೆ. 'ಚಾಯ್' ಅಂತ ಬೋರ್ಡ್ ಇದ್ದರೆ ಅದು ಟೀ ಅಂಗಡಿ ಅಲ್ಲ, ಶುದ್ಧ ಸಸ್ಯಾಹಾರಿ ಹೋಟೆಲ್. ಆದರೆ ಟೂರ್‌ನ ಊಟ ಅವರು ಗೊತ್ತುಮಾಡಿದ ಜಾಗದಲ್ಲೇ ಇರುತ್ತದೆ. ಬುಕ್ ಮಾಡುವಾಗಲೇ ಹೇಳಿ, ಬೆಳಿಗ್ಗೆ ವ್ಯಾನ್ ಹತ್ತುವಾಗ ಇನ್ನೊಮ್ಮೆ ಹೇಳಿ, ಮೀನಿನ ಸಾಸ್ ಕೂಡ ಬೇಡ ಅನ್ನುವುದನ್ನು ಬಿಡಿಸಿ ಹೇಳಿ. ತರಕಾರಿ ಪಲ್ಯಕ್ಕೂ ಅದನ್ನು ಹಾಕುವ ಅಭ್ಯಾಸವಿದೆ. ಊಟವಾದಮೇಲೆ ಉಪ್ಪು ಕಾಫಿ ಕುಡಿದು ನೋಡಿ, ಹುಯೆಯಲ್ಲೇ ಹುಟ್ಟಿದ್ದು. ಕಹಿ ಕಾಫಿಯ ಮೇಲೆ ಉಪ್ಪು ಹಾಕಿ ಕಡೆದ ಕೆನೆ. ತುಂಬಾ ಚೆನ್ನಾಗಿರುತ್ತದೆ.

ಮಧ್ಯಾಹ್ನ ಅರಮನೆ. ಹೊರಕೋಟೆಯ ಸುತ್ತಳತೆಯೇ ಸುಮಾರು 10 ಕಿ.ಮೀ., ಅದರೊಳಗೆ ಅರಮನೆಯ ಕೋಟೆ, ಅದರೊಳಗೆ ರಾಜನ ಖಾಸಗಿ ಆವರಣ. ಒಳಗೆ ಹೋಗುವುದು ನ್ಗೊ ಮೊನ್ ಹೆಬ್ಬಾಗಿಲಿನಿಂದ. ಐದು ದಾರಿಗಳಿವೆ, ನಡುವಿನದು ರಾಜನಿಗೆ ಮಾತ್ರ. 1945ರ ಆಗಸ್ಟ್ 30ರಂದು ಕೊನೆಯ ರಾಜ ಬಾವೊ ದಾಯ್ ಅಧಿಕಾರ ಬಿಟ್ಟುಕೊಟ್ಟಿದ್ದು ಇದೇ ಬಾಗಿಲ ಮೇಲಿನ ಮಂಟಪದಲ್ಲಿ. ಮೇಲೆ ಹತ್ತಲು ಬಿಟ್ಟರೆ ಹತ್ತಿ, ಎದುರಿನ 37 ಮೀಟರ್ ಎತ್ತರದ ಧ್ವಜಸ್ತಂಭ ಚೆನ್ನಾಗಿ ಕಾಣುತ್ತದೆ. ಸಿಂಹಾಸನವಿರುವ ಥಾಯ್ ಹೋವಾ ಅರಮನೆ ರಿಪೇರಿ ಮುಗಿದು 2024ರ ನವೆಂಬರ್‌ನಲ್ಲಿ ಮತ್ತೆ ತೆರೆದಿದೆ. ಹಿಂದಿನ ತುದಿಯಲ್ಲಿರುವ ಕಿಯೆನ್ ಚುಂಗ್ ಅರಮನೆ 1947ರಲ್ಲಿ ಹಾಳಾಗಿತ್ತು. ಅದನ್ನು ತಳದಿಂದ ಮತ್ತೆ ಕಟ್ಟಿ 2024ರ ಆರಂಭದಲ್ಲಿ ತೆರೆದರು. ಹೊಸದಾದ್ದರಿಂದ ಎಲ್ಲರೂ ಫೋಟೊಗೆ ಅಲ್ಲಿಗೇ ನುಗ್ಗುತ್ತಾರೆ.

ನೀವು ಮಾತ್ರ ಗೈಡ್‌ಗೆ ಹೇಳಿ ಎಡಬದಿಯ ಥೆ ಮಿಯೆವು ಗುಡಿಗೆ ಹೋಗಿ, ರಾಜರ ಪೂಜೆ ನಡೆಯುವ ಜಾಗ. ಅದರ ಮುಂದಿನ ಅಂಗಳದಲ್ಲಿ ಮೂರು ಕಾಲಿನ ಒಂಬತ್ತು ಕಂಚಿನ ಕೊಪ್ಪರಿಗೆಗಳಿವೆ. ಮಿನ್ ಮಾಂಗ್ ಎರಕ ಹೊಯ್ಯಿಸಿದ್ದು, 1835ರಿಂದ 1837ರೊಳಗೆ. ಒಂದೊಂದೂ ಎರಡು ಟನ್ ಆಸುಪಾಸು. ಮೈಮೇಲೆ ಒಟ್ಟು 162 ಉಬ್ಬುಕೆತ್ತನೆಗಳು. ದೇಶದಲ್ಲಿ ಇದ್ದುದನ್ನೆಲ್ಲ, ನದಿ, ಬೆಟ್ಟ, ಹಡಗು, ಹಕ್ಕಿ, ಬೆಳೆ, ಒಂದು ಕಡೆ ಬರೆದಿಟ್ಟ ಹಾಗೆ. ಒಂದು ಹೆಜ್ಜೆ ಮುಂದಿರುವ ನಡುವಿನ ಕೊಪ್ಪರಿಗೆ ವಂಶ ಶುರುಮಾಡಿದ ಜಾ ಲಾಂಗ್ ರಾಜನದು. ಅದರ ಮೇಲೆ ಸೂರ್ಯ, ಹುಲಿ, ಡ್ರ್ಯಾಗನ್‌ಗಳ ಜೊತೆಗೆ ಹಲಸಿನ ಹಣ್ಣೂ ಇದೆ, ಮುಳ್ಳು ಮುಳ್ಳಾಗಿ! ರಾಜನ ಹೆಸರಿನ ಕೊಪ್ಪರಿಗೆಯ ಮೇಲೆ ಹಲಸು ನೋಡಿ ನನಗಾದ ಖುಷಿ ಅಷ್ಟಿಷ್ಟಲ್ಲ.

ಬಟ್ಟೆ ಬಗ್ಗೆ ಒಂದು ಮಾತು. ಗುಡಿ, ಸಮಾಧಿಗಳಲ್ಲಿ ಭುಜ ಮತ್ತು ಮಂಡಿ ಮುಚ್ಚಿರಬೇಕು, ಟೋಪಿ ತೆಗೆಯಬೇಕು. ಮೆತ್ತನೆಯ ಹತ್ತಿ ಬಟ್ಟೆ, ಸುಲಭವಾಗಿ ಬಿಚ್ಚಿ ಹಾಕುವ ಚಪ್ಪಲಿ, ಛತ್ರಿ, ನೀರಿನ ಬಾಟಲಿ. ಅರಮನೆ ಆವರಣದಲ್ಲಿ ನೆರಳು ಕಡಿಮೆ, ವಯಸ್ಸಾದವರು ಜೊತೆಗಿದ್ದರೆ ಒಳಗೆ ಬ್ಯಾಟರಿ ಗಾಡಿ ಸಿಗುತ್ತದೆ.

ಕೊನೆಗೆ ಥಿಯೆನ್ ಮು. 1601ರಲ್ಲಿ ಶುರುವಾದ ಬೌದ್ಧ ಮಂದಿರ, ಮುಂದಿನ ಏಳು ಅಂತಸ್ತಿನ ಗೋಪುರ 1844ರದು. ಎಲ್ಲರೂ ಗೋಪುರದ ಮುಂದೆ ಫೋಟೊ ತೆಗೆದು ದೋಣಿಯ ಕಡೆ ಹೊರಡುತ್ತಾರೆ. ಹಿಂದಕ್ಕೆ ನಡೆಯಿರಿ. ಅಲ್ಲಿ ಒಂದು ನೀಲಿ ಆಸ್ಟಿನ್ ಕಾರು ನಿಲ್ಲಿಸಿದ್ದಾರೆ. 1963ರ ಜೂನ್ 11ರಂದು ಬೌದ್ಧರ ಮೇಲಿನ ದಬ್ಬಾಳಿಕೆ ವಿರೋಧಿಸಿ ಸೈಗಾನ್‌ನ ರಸ್ತೆಯಲ್ಲಿ ಬೆಂಕಿ ಹಚ್ಚಿಕೊಂಡ ಭಿಕ್ಷು ಥಿಕ್ ಕ್ವಾಂಗ್ ದುಕ್ ಆ ದಿನ ಬಂದದ್ದು ಇದೇ ಕಾರಿನಲ್ಲಿ. ಅವರು ಉರಿಯುತ್ತಾ ಕೂತಿದ್ದ ಆ ಪ್ರಸಿದ್ಧ ಫೋಟೊ ನೋಡಿದವರಿಗೆ ಇಲ್ಲಿ ಎರಡು ನಿಮಿಷ ಸಾಲುವುದಿಲ್ಲ.

ವಾಪಸ್ ಪರ್ಫ್ಯೂಮ್ ನದಿಯಲ್ಲಿ ಡ್ರ್ಯಾಗನ್ ಮುಖದ ದೋಣಿ. ದೋಣಿಯವರ ಮನೆಯವರು ಒಳಗೆ ಬಟ್ಟೆ, ಕಾರ್ಡು ಹರಡಿ ಮಾರುತ್ತಾರೆ. ಬೇಡವಾದರೆ ನಕ್ಕು ಬೇಡ ಅಂದರೆ ಸಾಕು, ಯಾರೂ ಬಲವಂತ ಮಾಡಲಿಲ್ಲ. ಗೈಡ್ ಮತ್ತು ಡ್ರೈವರ್‌ಗೆ ಟಿಪ್ಸ್ ಕೊಡುವುದಿದ್ದರೆ ಚಿಲ್ಲರೆ ನೋಟು ಮೊದಲೇ ತೆಗೆದಿಟ್ಟುಕೊಳ್ಳಿ.

ಯಾವಾಗ ಹೋಗಬೇಕು ಅಂದರೆ ಫೆಬ್ರವರಿಯಿಂದ ಏಪ್ರಿಲ್. ಮೇ ಇಂದ ಆಗಸ್ಟ್‌ವರೆಗೆ ಬಿಸಿಲಿನ ಝಳ ವಿಪರೀತ, ಸಮಾಧಿಗಳ ಮೆಟ್ಟಿಲು ಹತ್ತುವುದು ಕಷ್ಟ. ಅಕ್ಟೋಬರ್, ನವೆಂಬರ್‌ನಲ್ಲಿ ಬೀಳುವ ಮಳೆಗೆ ನದಿ ಉಕ್ಕಿ ರಸ್ತೆಗೆ ಬರುವುದೂ ಉಂಟು. ಆ ತಿಂಗಳುಗಳಲ್ಲೇ ಹೋಗಬೇಕಾಗಿ ಬಂದರೆ ಹುಯೆಗೆ ಒಂದು ದಿನ ಹೆಚ್ಚಿಗೆ ಇಟ್ಟುಕೊಳ್ಳಿ. ಟೂರ್‌ನವರನ್ನು ಟಿಕೆಟ್ ಹೊರತುಪಡಿಸಿ ಬೆಲೆ ಕೇಳಿ, ಎರಡು ದಿನದ ಕಾಂಬೊ ನೀವೇ ತೆಗೆದುಕೊಳ್ಳಿ. ಆಗ ತು ದುಕ್ ಅನ್ನು ಮರುದಿನ ಬೆಳಿಗ್ಗೆಗೆ ಉಳಿಸಿಕೊಂಡು ಗ್ರ್ಯಾಬ್ ಆ್ಯಪ್‌ನಲ್ಲಿ ಬೈಕ್ ಟ್ಯಾಕ್ಸಿ ಹಿಡಿದು ಏಳೂವರೆಗೆಲ್ಲ ಅಲ್ಲಿರಬಹುದು, ಟೂರ್ ವ್ಯಾನುಗಳು ಬರುವುದು ಅದಾದ ಮೇಲೆಯೇ.